ಕೆಂಪು ಚೂರಿನ ರುಚಿ

ನವೆಂಬರ್ ಕೊನೆಯ ವಾರದ ಮಳೆಗೆ ನಮ್ಮ ಹಿತ್ತಿಲ ಪರಂಗಿ ಗಿಡ ಬುಡಸಮೇತ ಮಗುಚಿಕೊಂಡಿತು. ನೋಡಲು ಮರದ ಠೀವಿ, ಕಾಂಡದೊಳಗೆ ಬರೀ ಪೊಳ್ಳು. ಕುತ್ತಿಗೆ ಸುತ್ತ ಕಾಯಿ ಜೋತುಹಾಕಿಕೊಂಡು ನಿಂತಿದ್ದಾಗ ಜೋರು ಗಾಳಿ ಬಂದರೆ ಮುಗಿಯಿತು ಅದರ ಕಥೆ. ಬೆಳಿಗ್ಗೆ ಎದ್ದು ಎಣಿಸಿದರೆ ಹದಿನಾಲ್ಕು ಕಾಯಿ, ಒಂದಕ್ಕೂ ಹಳದಿ ತಿರುಗಿರಲಿಲ್ಲ. ಹಣ್ಣಾಗಿದ್ದರೆ ಬೀದಿಯವರೆಲ್ಲ ಬಂಧುಗಳಾಗುತ್ತಿದ್ದರು. ಕಾಯಿ ಎಂದರೆ ಎಲ್ಲರಿಗೂ ಅರ್ಜೆಂಟು ಕೆಲಸ. ಹಿಂದಿನ ಬೀದಿಯ ಒಂದು ಮನೆಗೆ ನಾನೇ ಕೊಂಡುಹೋದೆ. ಅಲ್ಲಿ ಸೊಸೆಗೆ ಮೂರು ತಿಂಗಳು ಎಂಬುದು ನನಗೇನು ಗೊತ್ತು? ಕಾಯಿಯನ್ನು ನೋಡಿ, ಆಮೇಲೆ ನನ್ನನ್ನು ನೋಡಿ ಆ ಮನೆಯ ಅಜ್ಜಿ ಬಾಗಿಲು ಹಾಕಿಕೊಂಡ ರೀತಿಯನ್ನು ನಾನು ಇನ್ನೂ ಮರೆತಿಲ್ಲ.

ಮೊದಲ ದಿನ ಪರಂಗಿ ಪಲ್ಯವಾಯಿತು. ಎರಡನೆಯ ದಿನ ಹುಳಿ. ಮೂರನೆಯ ದಿನ ಕೋಸಂಬರಿ ಎಂಬ ಹೆಸರಿನಲ್ಲಿ ಬಂತು. ನಾಲ್ಕನೆಯ ದಿನ ಮಗ ತಟ್ಟೆ ನೋಡಿ ತನಗೆ ಹೊಟ್ಟೆ ಸರಿಯಿಲ್ಲವೆಂದ. ಆ ರಾತ್ರಿ ನಾನು ಊಟದ ಮಧ್ಯೆ ಘೋಷಿಸಿದೆ: "ಟೂಟಿಫ್ರೂಟಿ ಮಾಡೋಣ. ಅದನ್ನು ಹಾಕಿ ಕ್ರಿಸ್‌ಮಸ್‌ಗೆ ಕೇಕು."

ಹೆಂಡತಿ ಅನ್ನ ಕಲಸುವುದನ್ನು ನಿಲ್ಲಿಸಿದಳು. "ಮಾಡೋಣ ಅಂದರೆ ಯಾರು?" ಎಂದಳು. ನಾನು ಎಂದೆ.

ಈ ಶೌರ್ಯಕ್ಕೆ ಕಾರಣ ಎದುರುಮನೆಯ ಆಂಟಿ. ಅವರಿಗೆ ಎಪ್ಪತ್ತು ದಾಟಿದೆ, ನನಗೆ ಐವತ್ತಮೂರು, ಆದರೂ ಆಂಟಿಯೇ. ಮಂಗಳೂರಿನ ಕಡೆಯವರು. ಪ್ರತಿ ಡಿಸೆಂಬರ್ 25ರ ಬೆಳಿಗ್ಗೆ ಅವರ ಮನೆಯಿಂದ ಕುಸ್ವಾರಿನ ತಟ್ಟೆ ಬರುತ್ತದೆ, ಮೇಲೆ ಅವರೇ ಹೆಣೆದ ಕ್ರೋಶಾ ಬಟ್ಟೆ. ತಟ್ಟೆಯಲ್ಲಿ ನೆವ್ರ್ಯೊ, ಗುಳಿಯೊ, ತುಕ್ಡಿ, ಗುಲಾಬಿಯಂತೆ ಅರಳಿದ ಕೊಕ್ಕಿಸಾಂ, ಬಾಚಣಿಗೆಯ ಮೇಲೆ ಹೊರಳಿಸಿ ಸುರುಳಿ ಮಾಡಿದ ಕಿಡ್ಯೊ. ಕಿಡ್ಯೊ ಎಂದರೆ ಕೊಂಕಣಿಯಲ್ಲಿ ಹುಳು ಎಂದು ಅವರು ನನಗೆ ಹೇಳಿದ್ದು ನಾನು ಹದಿನೆಂಟು ಹುಳು ತಿಂದಮೇಲೆ. ನಡುವೆ ಒಂದು ದಪ್ಪ ಹೋಳು ಪ್ಲಮ್ ಕೇಕು. ಈಗ, ಬಂದ ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸಬಾರದು ಎಂಬುದು ನಮ್ಮ ಕಡೆಯ ಶಾಸನ. ಅದಕ್ಕೆ ಏನೂ ಇಲ್ಲದಿದ್ದರೆ ಒಂದು ಹಿಡಿ ಸಕ್ಕರೆಯಾದರೂ ಹಾಕಬೇಕು. ನಾವು ಒಂಬತ್ತು ವರ್ಷದಿಂದ ಹಾಕುತ್ತಿರುವುದು ಸಕ್ಕರೆ. ಎರಡು ದಿನ ನಿದ್ದೆಗೆಟ್ಟು ಕರಿದ ಕುಸ್ವಾರಿಗೆ ರೇಷನ್ ಅಂಗಡಿಯ ಮರ್ಯಾದೆ.

ಟೂಟಿಫ್ರೂಟಿಯ ಜೊತೆ ನನಗೆ ಹಳೆಯ ಲೆಕ್ಕವೂ ಇತ್ತು. ನಮ್ಮದು ಹಾಸನದ ಸೀಮೆ, ಬೆಂಗಳೂರಿನ ಅಯ್ಯಂಗಾರ್ ಬೇಕರಿಗಳವರಲ್ಲಿ ಬಹುಪಾಲು ಜನರ ಮೂಲ. 1898ರಲ್ಲಿ ಎಚ್.ಎಸ್. ತಿರುಮಲಾಚಾರ್ ಚಿಕ್ಕಪೇಟೆಯಲ್ಲಿ ಬಿ.ಬಿ. ಬೇಕರಿ ತೆರೆದರಲ್ಲ, ಅಲ್ಲಿಂದ ಹಿಡಿದ ಹಾದಿ ಅದು. ಅಪ್ಪ ಕೆಲಸದ ಮೇಲೆ ಬೆಂಗಳೂರಿಗೆ ಹೋದರೆ ಬರುವಾಗ ಬ್ಯಾಗಿನಲ್ಲಿ ಒಂದು ಫ್ರೂಟ್ ಬ್ರೆಡ್ಡು. ಮೇಣದ ಕಾಗದ ಬಿಚ್ಚಿದರೆ ಸಿಹಿ ವಾಸನೆ, ಬಿಳಿ ಹೋಳಿನ ತುಂಬ ಕೆಂಪು, ಹಳದಿ, ಹಸಿರು ಚೌಕ. ತಂಗಿ ಮತ್ತು ನಾನು ಹೋಳನ್ನು ಬೆಳಕಿಗೆ ಹಿಡಿದು ಚೂರು ಎಣಿಸುತ್ತಿದ್ದೆವು. ಅವಳಿಗೆ ಏಳು, ನನಗೆ ಐದು ಎಂದಾದರೆ ಮನೆಯಲ್ಲಿ ಕುರುಕ್ಷೇತ್ರ. ಕೆಂಪಿಗೆ ಎರಡು ಹಸಿರು ಎಂಬ ವಿನಿಮಯ ದರ ಬೇರೆ. ಕೆಂಪು ಚೆರ್ರಿ, ಹಳದಿ ಅನಾನಸು, ಹಸಿರು ಯಾವುದೋ ವಿದೇಶದ ದ್ರಾಕ್ಷಿ ಎಂದು ನಾವು ತೀರ್ಮಾನಿಸಿಕೊಂಡಿದ್ದೆವು. ಜಗಳ ಕೈಮೀರಿದಾಗ ಅಮ್ಮ ಒಳಗಿನಿಂದ, "ಎಲ್ಲಾ ಒಂದೇ, ಬಾಯಿ ಮುಚ್ಚಿಕೊಂಡು ತಿನ್ನಿ" ಎನ್ನುತ್ತಿದ್ದಳು. ತಾನು ಮಾತ್ರ ಬ್ರೆಡ್ಡಿನ ತುದಿಯ ಒಣಕಲು ಹೋಳು ತೆಗೆದುಕೊಂಡು, "ನನಗೆ ಈ ಬೇಕರಿ ತಿಂಡಿ ಸೇರೋಲ್ಲ" ಎಂದು ಕಾಫಿಯಲ್ಲಿ ಅದ್ದಿ ನುಂಗುತ್ತಿದ್ದಳು.

ಟೂಟಿಫ್ರೂಟಿ ಎಂದರೆ ಇಟಾಲಿಯನ್ ಭಾಷೆಯಲ್ಲಿ 'ಎಲ್ಲ ಹಣ್ಣುಗಳು'. ನಮ್ಮ ಬೇಕರಿಗಳಿಗೆ ಬರುವ ಚೂರಿನಲ್ಲಿ ಎಲ್ಲವೂ ಇರಲಿ, ಒಂದು ಹಣ್ಣೂ ಇಲ್ಲ. ಇರುವುದು ಕಾಯಿ, ಅದೂ ಪರಂಗಿ ಕಾಯಿ. ಅದು ನನಗೆ ತಿಳಿದಾಗ ಮದುವೆಯಾಗಿ ಎರಡು ವರ್ಷ ಆಗಿತ್ತು. ಅಷ್ಟೇ ಅಲ್ಲ, ಕೇಕಿನ ನೆತ್ತಿಯ ಮೇಲೆ ಕಿರೀಟದಂತೆ ಕೂರುವ ಆ ಕೆಂಪು 'ಚೆರ್ರಿ' ಎಷ್ಟೋ ಕಡೆ ಚೆರ್ರಿಯಲ್ಲ, ನಮ್ಮ ಬೇಲಿಯ ಕವಳೆಕಾಯಿ. ಬೀಜ ತೆಗೆದು, ಪಾಕದಲ್ಲಿ ಮುಳುಗಿಸಿ, ಬಣ್ಣ ಬಳಿದದ್ದು. ಉಪ್ಪಿನಕಾಯಿ ಭರಣಿಯಲ್ಲಿ ಕೂರಬೇಕಾದವನು ವೇಷ ಹಾಕಿಕೊಂಡು ವಿಲಾಯಿತಿ ದೊರೆಯ ಪಾರ್ಟು ಮಾಡುತ್ತಿದ್ದಾನೆ. ಪ್ಲಮ್ ಕೇಕಿನಲ್ಲಿಯೂ ಪ್ಲಮ್ ಇರುವುದಿಲ್ಲ. ಹಳೆಯ ಇಂಗ್ಲಿಷಿನವರು ಒಣದ್ರಾಕ್ಷಿಯನ್ನೇ ಹಾಗೆ ಕರೆಯುತ್ತಿದ್ದರು. ಒಟ್ಟಿನಲ್ಲಿ ಕೇಕಿನ ಲೋಕದಲ್ಲಿ ಯಾರೂ ತಮ್ಮ ಹೆಸರಿನಲ್ಲಿ ಬದುಕುತ್ತಿಲ್ಲ. ಪರಂಗಿಯೂ ಅಷ್ಟೇ ಅನ್ನಿ. ಅಮೆರಿಕ ಖಂಡದ ಗಿಡ, ಹಡಗು ಹತ್ತಿ ಪೋರ್ಚುಗೀಸರ ಜೊತೆ ಬಂತು. ತಂದವರು ಫಿರಂಗಿಗಳು, ಹಾಗಾಗಿ ಅದು ಪರಂಗಿ.

ಡಿಸೆಂಬರ್ ನಡುವಿನ ಒಂದು ಭಾನುವಾರ ಕೆಲಸಕ್ಕೆ ಕೂತೆ. ಸಿಪ್ಪೆ ಹೆರೆದರೆ ಹಾಲಿನಂಥ ಸೊನೆ. ಕೈಗೆ ಎಣ್ಣೆ ಹಚ್ಚಿಕೊಳ್ಳಿ ಎಂದು ಹೆಂಡತಿ ಹೇಳಿದ್ದು ತುರಿಕೆ ಶುರುವಾದಮೇಲೆ ನೆನಪಾಯಿತು. ಒಂದು ಕೆ.ಜಿ. ತಿರುಳನ್ನು ಕಡಲೆಕಾಳಿನ ಗಾತ್ರದ ಚೌಕಗಳಾಗಿ ಹೆಚ್ಚಲು ಎರಡು ಗಂಟೆ ಹಿಡಿಯಿತು. ಮೊದಲ ಹತ್ತು ನಿಮಿಷದ ಚೌಕಗಳು ದಾಳದಂತಿದ್ದವು. ಕೊನೆಯ ಹತ್ತು ನಿಮಿಷದವನ್ನು ಯಾವ ರೇಖಾಗಣಿತವೂ ಒಪ್ಪುತ್ತಿರಲಿಲ್ಲ. ಬೆಂದಾಗ ಚೂರು ಮುದ್ದೆಯಾಗದಿರಲು ಸುಣ್ಣದ ತಿಳಿಯಲ್ಲಿ ನೆನೆಸಬೇಕು. ಆಗ್ರಾದಲ್ಲಿ ಪೇಠಾ ಮಾಡುವವರು ಬೂದುಗುಂಬಳವನ್ನು ನೆನೆಸುವುದೂ ಹೀಗೆಯೇ. ಸುಣ್ಣಕ್ಕೆ ಎಲ್ಲಿಗೆ ಹೋಗಲಿ? ಅಮ್ಮನ ಎಲೆಅಡಿಕೆ ತಟ್ಟೆಯಲ್ಲಿದ್ದ ಹಿತ್ತಾಳೆ ಡಬ್ಬಿಯನ್ನು ಬೆರಳು ಹಾಕಿ ಬಳಿದು ಖಾಲಿ ಮಾಡಿದೆ. ಸಂಜೆ ಅಮ್ಮ ಡಬ್ಬಿ ಅಲುಗಿಸಿ, "ಸುಣ್ಣ ಏನಾಯ್ತೋ?" ಎಂದಳು. ನಾಳೆ ತರುತ್ತೇನೆ ಎಂದೆ.

ಬಣ್ಣದ ವಿಷಯದಲ್ಲಿ ಹೆಂಡತಿಯದು ಒಂದೇ ಷರತ್ತು: ಅಂಗಡಿಯ ಬಣ್ಣ ಬೇಡ. ಸರಿ, ಕೆಂಪಿಗೆ ಬೀಟ್‌ರೂಟ್, ಹಳದಿಗೆ ಅರಿಶಿನ, ಹಸಿರಿಗೆ ಪಾಲಕ್. ಮೂರು ಬಟ್ಟಲಲ್ಲಿ ಚೂರುಗಳನ್ನು ಹಂಚಿ ಮೊದಲು ಅರಿಶಿನ ಹಾಕಿದೆ. ಕಣ್ಣೆದುರೇ ಹಳದಿ ಕೆಂಪಾಯಿತು. ನಾನು ಹೆದರಿಬಿಟ್ಟೆ. ಹೆಂಡತಿ ಬಗ್ಗಿ ನೋಡಿ, "ಆರತಿ ನೀರು ಮಾಡಿದ್ದೀರಲ್ಲ" ಎಂದಳು. ಹೌದಲ್ಲವೆ? ಅರಿಶಿನಕ್ಕೆ ಸುಣ್ಣ ಸೇರಿದರೆ ಓಕುಳಿ. ಹಸೆಮಣೆಯ ಮೇಲೆ ಕೂತು ನಾನೇ ಆ ನೀರಿನಲ್ಲಿ ದೃಷ್ಟಿ ತೆಗೆಸಿಕೊಂಡಿದ್ದೇನೆ. ಸುಣ್ಣ ಹೋಗುವಂತೆ ನಾಲ್ಕು ನೀರಿನಲ್ಲಿ ತೊಳೆಯುವುದನ್ನು ಮರೆತಿದ್ದೆ. ಪಾಲಕ್ಕಿನದು ಕುದಿದು ಪೊಲೀಸ್ ಸಮವಸ್ತ್ರದ ಬಣ್ಣಕ್ಕೆ ಬಂತು. ಮರುದಿನ ತಲೆ ತಗ್ಗಿಸಿ ಅಂಗಡಿಗೆ ಹೋಗಿ ಮೂರು ಪುಟ್ಟ ಬಾಟಲಿ ತಂದೆ. ಸುಣ್ಣ ತರಲಿಲ್ಲ.

ಎರಡನೆಯ ಕಂತು ಬೇಯಿಸಿದ್ದು ಚೆನ್ನಾಗಿಯೇ ಬಂತು. ಹೋಳು ಗಾಜಿನಂತೆ ಪಾರದರ್ಶಕವಾಗುವವರೆಗೆ ಕುದಿಸಿ, ಸಕ್ಕರೆ ಪಾಕದಲ್ಲಿ ಒಂದೆಳೆ ಬರುವತನಕ ಇಟ್ಟು, ಮೂರು ಪಾಲು ಮಾಡಿ, ಬಣ್ಣದ ಹನಿ ಬಿಟ್ಟು ರಾತ್ರಿಯೆಲ್ಲ ನೆನೆಯಲು ಬಿಡಬೇಕು. ಕಾಯಿಯೊಳಗಿನ ನೀರು ಹೊರಗೆ ಬಂದು, ಆ ಜಾಗಕ್ಕೆ ಸಕ್ಕರೆ ಒಳಗೆ ಹೋಗುತ್ತದೆ. ಬಾಡಿಗೆದಾರರು ಬದಲಾದಂತೆ, ಸದ್ದಿಲ್ಲದೆ. ಬೆಳಿಗ್ಗೆ ಮುಚ್ಚಳ ತೆಗೆದರೆ ಮೂರು ಬಟ್ಟಲು ಒಡವೆ. ಫ್ಯಾನಿನ ಕೆಳಗೆ ಹಳೆಯ ಪೇಪರಿನ ಮೇಲೆ ಹರಡಿದೆ. ಒಣಗಿದ ಮೇಲೆ ನೋಡಿದರೆ ಹಲವು ಹಳದಿ ಚೂರುಗಳ ಬೆನ್ನಿಗೆ ಅಕ್ಷರ ಅಂಟಿತ್ತು. ಒಂದರ ಮೇಲೆ ಸ್ಪಷ್ಟವಾಗಿ 'ನಿಧನ' ಎಂದಿತ್ತು. ಅದನ್ನು ನಾನೇ ತಿಂದೆ. ಅಷ್ಟರಲ್ಲಿ ಇರುವೆಗಳಿಗೆ ಸುದ್ದಿ ಹೋಗಿ, ದೇವರಮನೆಯ ಹೊಸ್ತಿಲಿನಿಂದ ಸಾಲು ಹೊರಟಿತು. ಇರುವೆಗಳೂ ಮೊದಲು ಕೆಂಪಿಗೇ ಹೋದವು. ತಂಗಿಗೆ ಫೋನು ಮಾಡಿ ಹೇಳಿದೆ. "ನಾನು ಆಗಲೇ ಹೇಳಿರಲಿಲ್ವಾ?" ಎಂದಳು, ನಲವತ್ತು ವರ್ಷದ ಹಿಂದಿನ ಕೇಸು ಗೆದ್ದವಳಂತೆ.

24ರ ಸಂಜೆ ಕೇಕು. ಎರಡು ದೀಪಾವಳಿ ಹಿಂದೆ ಎಕ್ಸ್‌ಚೇಂಜ್ ಆಫರಿನಲ್ಲಿ ಕೊಂಡ ಓವನ್ನು ನಮ್ಮಲ್ಲಿ ಬೀರುವಿನ ಕೆಲಸ ಮಾಡುತ್ತದೆ. ಒಳಗೆ ದೋಸೆ ಹೆಂಚು, ಒಬ್ಬಟ್ಟಿನ ಕಾಗದ, ಜಾತ್ರೆಯಲ್ಲಿ ಕೊಂಡ ಇಡ್ಲಿ ಬಟ್ಟೆ. ಎಲ್ಲವನ್ನೂ ತೆಗೆದೆನೆಂದು 180 ಡಿಗ್ರಿಗೆ ತಿರುಗಿಸಿದೆ. ಹಿಂದಿನ ಮೂಲೆಯಲ್ಲಿ ಒಂದು ಪ್ಲಾಸ್ಟಿಕ್ ಡಬ್ಬಿ ಇದ್ದದ್ದು ವಾಸನೆಯಿಂದ ತಿಳಿಯಿತು. ಅದನ್ನು ಕೆರೆದು ತೆಗೆಯಲು ಹಿಡಿದ ಮುಕ್ಕಾಲು ಗಂಟೆಯನ್ನು ಇಲ್ಲಿ ವಿವರಿಸುವುದಿಲ್ಲ.

"ಮೊಟ್ಟೆ ಹಾಕ್ತಿದ್ದೀಯೇನೋ?" ಎಂದು ಅಮ್ಮ ಮೂರನೆಯ ಸಲ ಕೇಳಿದಳು. ಇಲ್ಲಮ್ಮ, ಮೊಸರು. ಒಂದು ಬಟ್ಟಲು ಗಟ್ಟಿ ಮೊಸರಿಗೆ ಮುಕ್ಕಾಲು ಬಟ್ಟಲು ಸಕ್ಕರೆ, ಅದಕ್ಕೆ ಅಡುಗೆ ಸೋಡ. ಹುಳಿಯೂ ಸೋಡವೂ ಸೇರಿ ಬುಸಬುಸ ನೊರೆ ಬರುತ್ತದೆ. ಅರ್ಧ ಬಟ್ಟಲು ಎಣ್ಣೆ, ಒಂದೂವರೆ ಬಟ್ಟಲು ಮೈದಾ ಹಾಕಿ ಹೆಚ್ಚು ತಿರುವದೆ, ಆ ನೊರೆ ಇಳಿಯುವ ಮೊದಲೇ ಒಲೆಗೆ ಸೇರಿಸಬೇಕು. ಚೂರುಗಳು ತಳಕ್ಕೆ ಇಳಿಯದಿರಲೆಂದು ಒಂದು ಚಮಚ ಮೈದಾದಲ್ಲಿ ಹೊರಳಿಸಿ ಹಾಕಿದೆ. ಉದ್ದನೆಯ ತಗಡಿನ ಅಚ್ಚಿಗೆ ಸುರಿದಾಗ ಹಿಟ್ಟಿನ ತುಂಬ ಬಣ್ಣದ ಚುಕ್ಕೆ. ರಂಗೋಲಿ ಹುಡಿ ಚೆಲ್ಲಿದಂತಿತ್ತು.

ಹನ್ನೆರಡನೆಯ ನಿಮಿಷಕ್ಕೆ ಕರೆಂಟು ಹೋಯಿತು.

ಮೇಣದಬತ್ತಿ ಹಚ್ಚಿ ಓವನ್ನಿನ ಎದುರು ಐ.ಸಿ.ಯು. ಹೊರಗೆ ಕೂತವರಂತೆ ಕೂತೆವು. ಸಮಾಧಾನಕ್ಕೆಂದು ನಾನು ತಲಶ್ಶೇರಿಯ ಮಾಂಬಳ್ಳಿ ಬಾಪುವಿನ ಕಥೆ ತೆಗೆದೆ. 1883ರಲ್ಲಿ ಮರ್ಡೋಕ್ ಬ್ರೌನ್ ಎಂಬ ತೋಟದ ದೊರೆ ಇಂಗ್ಲೆಂಡಿನ ಒಂದು ಕೇಕು ತೋರಿಸಿ ಇಂಥದೇ ಮಾಡಿಕೊಡು ಎಂದನಂತೆ. ಮಾಹೆಯಿಂದ ಫ್ರೆಂಚ್ ಬ್ರಾಂಡಿ ತಂದು ಹಾಕು ಎಂದರೆ, ಬಾಪು ಗೇರುಹಣ್ಣು ಬಾಳೆಹಣ್ಣಿನ ಊರ ಸಾರಾಯಿ ಹಾಕಿದನಂತೆ. ದೊರೆ ತಿಂದು ಹಿಗ್ಗಿ ಇನ್ನೂ ಒಂದು ಡಜನ್ ಆರ್ಡರ್ ಕೊಟ್ಟ. ನಮ್ಮ ದೇಶದವನೊಬ್ಬ ಸುಟ್ಟ ಮೊದಲ ಕ್ರಿಸ್‌ಮಸ್ ಕೇಕು ಅದೇ ಎಂದು ತಲಶ್ಶೇರಿಯವರು ಹೇಳುತ್ತಾರೆ. "ಅವನಿಗೆ ಕರೆಂಟು ಬೇಕಿರಲಿಲ್ಲ" ಎಂದಳು ಹೆಂಡತಿ, ಕಥೆಯ ಸಾರವನ್ನು ನನಗಿಂತ ಚೆನ್ನಾಗಿ ಹಿಡಿದು.

ಇಪ್ಪತ್ತು ನಿಮಿಷದ ಮೇಲೆ ಕರೆಂಟು ಬಂತು. ಅಷ್ಟರಲ್ಲಿ ಹಿಟ್ಟು ಬೆಚ್ಚಗಾಗಿ ತೆಳುವಾಗಿ, ಆದರೆ ಗಟ್ಟಿಯಾಗದೆ, ಚೂರುಗಳೆಲ್ಲ ಒಬ್ಬರ ಕೈ ಒಬ್ಬರು ಹಿಡಿದುಕೊಂಡು ತಳಕ್ಕೆ ಇಳಿದಿದ್ದವು. ಪೊರಕೆ ಕಡ್ಡಿ ತೊಳೆದು ಚುಚ್ಚಿ, ಬೆಂದಿದೆ ಎಂದು ಖಾತ್ರಿಯಾದಮೇಲೆ ಅಚ್ಚಿನಿಂದ ತೆಗೆದರೆ ಮೇಲ್ಭಾಗ ವಿಧವೆಯ ಹಣೆಯಂತೆ ಬೋಳು. ಅಮ್ಮನ ಮುಂದೆ ಈ ಹೋಲಿಕೆ ಹೇಳಿ ಬೈಸಿಕೊಂಡೆ. ಮಗ ಬಂದು ಎರಡು ನಿಮಿಷ ನೋಡಿ, ಕೇಕನ್ನು ಹಿಡಿದು ಬೋರಲು ಹಾಕಿದ. ಅಬ್ಬ! ಬೆನ್ನಿನ ತುಂಬ ಕೆಂಪು, ಹಳದಿ, ಹಸಿರು, ಒತ್ತೊತ್ತಾಗಿ, ಅಂಗೈ ಅಗಲಕ್ಕೆ ನಲವತ್ತು ಚೂರು. ಅಯ್ಯಂಗಾರ್ ಬ್ರೆಡ್ಡಿನ ಆರು ಹೋಳಿನ ಸಂಪತ್ತು ಒಂದೇ ಕಡೆ. ಇದು ಹೀಗೇ ಮಾಡುವ ವಿಧಾನ ಎಂದು ನಾವು ಮೂವರೂ ಆ ಕ್ಷಣದಲ್ಲೇ ಒಪ್ಪಂದಕ್ಕೆ ಬಂದೆವು. ಅಮ್ಮ ದೂರದಿಂದ ನೋಡಿ, "ನನಗೆ ಬೇಡಪ್ಪಾ, ಬೇಕರಿ ತಿಂಡಿ ಸೇರೋಲ್ಲ. ನಾಳೆಯಾದರೂ ಸುಣ್ಣ ತಾ, ಹತ್ತು ದಿನ ಆಯ್ತು" ಎಂದು ಮಲಗಲು ಹೋದಳು. ಕೇಕಿನ ತಟ್ಟೆಯನ್ನು ನೀರು ತುಂಬಿದ ಅಗಲ ಪರಾತದ ನಡುವೆ ಇಟ್ಟು, ಇರುವೆಗಳಿಗೆ ಕಂದಕ ತೋಡಿ ನಾನೂ ಮಲಗಿದೆ.

ಬೆಳಿಗ್ಗೆ ಆರೂವರೆಗೆ ಹೆಂಡತಿ ಅಡುಗೆಮನೆಯಿಂದ ಕರೆದ ಧ್ವನಿ ಸರಿಯಿರಲಿಲ್ಲ. ಹೋಗಿ ನೋಡಿದರೆ ಕೇಕು ಇತ್ತು. ಹಳದಿ ಇತ್ತು, ಹಸಿರು ಇತ್ತು. ಕೆಂಪು ಇದ್ದ ಕಡೆಯೆಲ್ಲ ಅಚ್ಚುಕಟ್ಟಾದ ಪುಟ್ಟ ಚೌಕ ಗುಂಡಿ. ಒಂದೂ ಚೂರು ಉಳಿದಿರಲಿಲ್ಲ. ಅಂಚು ಒಡೆದಿರಲಿಲ್ಲ, ಪುಡಿ ಉದುರಿರಲಿಲ್ಲ. ಕಂದಕದಲ್ಲಿ ಒಂದು ಇರುವೆಯೂ ತೇಲುತ್ತಿರಲಿಲ್ಲ. ಪರಾತದ ಪಕ್ಕದಲ್ಲಿ ಒಂದು ತಲೆಪಿನ್ನು ಬಿದ್ದಿತ್ತು.

ಮಗನನ್ನು ಎಬ್ಬಿಸಿ ವಿಚಾರಿಸುವಷ್ಟರಲ್ಲಿ ಆಂಟಿಯ ತಟ್ಟೆ ಬಂದೇ ಬಿಟ್ಟಿತು, ಕ್ರೋಶಾ ಬಟ್ಟೆ ಹೊದ್ದು. ಹೆಂಡತಿ ತಡಮಾಡದೆ ಸಕ್ಕರೆ ಪುಡಿ ಜರಡಿ ಹಿಡಿದು ಗುಂಡಿಗಳ ಮೇಲೆ ಹಿಮ ಸುರಿಸಿದಳು. ಹೇಗೂ ಕ್ರಿಸ್‌ಮಸ್. ಸಕ್ಕರೆ ಈ ವರ್ಷವೂ ಹೋಯಿತು ಎಂದಾಯಿತು.

ನಾನು ತಲೆಪಿನ್ನು ಹಿಡಿದುಕೊಂಡು ಅಮ್ಮನ ಕೋಣೆಗೆ ಹೋದೆ. ಮಂಚದ ಮೇಲೆ ಕೂತು ಜಪಮಣಿ ತಿರುಗಿಸುತ್ತಿದ್ದಳು.

"ಅಮ್ಮ, ನಾಲಿಗೆ ತೋರಿಸು."

"ಬೆಳಿಗ್ಗೆ ಬೆಳಿಗ್ಗೆ ಏನೋ ಇದು?" ಎಂದಳು. ಅಷ್ಟು ಬಾಯಿ ಬಿಟ್ಟದ್ದೇ ಸಾಕಾಯಿತು. ಒಳಗೆ ದಾಸವಾಳ ಅರಳಿತ್ತು. "ರಾತ್ರಿ ಎಲೆಅಡಿಕೆ ಹಾಕಿಕೊಂಡಿದ್ದೆ ಕಣೋ."

ಕಿಟಕಿಯ ಮೇಲಿದ್ದ ಹಿತ್ತಾಳೆ ಡಬ್ಬಿ ತೆಗೆದು ಮುಚ್ಚಳ ಬಿಚ್ಚಿದೆ. ಹತ್ತು ದಿನದ ಹಿಂದೆ ನಾನು ಬಳಿದ ಬೆರಳಿನ ಗೀರು ತಳದಲ್ಲಿ ಹಾಗೇ ಇತ್ತು.

"ಸುಣ್ಣ ಇಲ್ಲದೆ ಕೆಂಪಾಯಿತೇನಮ್ಮ?"

ಅಮ್ಮ ಜಪಮಣಿಯನ್ನು ಚೀಲಕ್ಕೆ ಹಾಕಿದಳು. ಡಬ್ಬಿಯನ್ನು ನನ್ನ ಕೈಯಿಂದ ತೆಗೆದು ಮುಚ್ಚಳ ಹಾಕಿ ಕಿಟಕಿಯ ಮೇಲೆ ಇಟ್ಟಳು.

"ಹಸಿರದೂ ಒಂದು ತಿಂದು ನೋಡಿದೆ" ಎಂದಳು. "ಸಪ್ಪೆ."