ನಮ್ಮೂರ ಮಾತು ರೇಡಿಯೊದಾಗ

“ಇವತ್ತ ನಳಾ ಬರೂದಿಲ್ಲಂತ ರೇಡಿಯೊದಾಗ ಹೇಳಿದ್ರವಾ. ಯಾಕ ಬರೂದಿಲ್ಲ ಅಂತ ಮಾತ್ರ ಹೇಳಲಿಲ್ಲ ನೋಡು.”

ಆಚೆ ಮನೆ ಕಾಕು ಕಾಂಪೌಂಡ್ ಗೋಡೆ ಮೇಲೆ ಒಣಹಾಕಿದ್ದ ಕೌದಿಯನ್ನು ತಿರುವಿ ಹಾಕುತ್ತ ಅಂದರು. ಬಾಗಲಕೋಟೆ ನವನಗರದ ನಮ್ಮ ಸೆಕ್ಟರಿನಲ್ಲಿ ಮುಂಜಾನೆ ಹುಡುಗರು ಸಾಲಿಗೆ ಹೋದ ಮೇಲೆ ಈ ಗೋಡೆಯ ಎರಡೂ ಕಡೆ ನಾವಿಬ್ಬರು ನಿಂತೇ ನಿಲ್ಲುತ್ತೇವೆ.

“ಅದನ್ನ ಹೇಳಾಕ ಅವರಿಗೆ ಪರವಾನಗಿ ಇಲ್ರೀ ಕಾಕು.”

“ನೀರಿನ ಮಾತಿಗೂ ಪರವಾನಗಿ ಬೇಕೇನು?”

ಬೇಕು. ಊರಿನ ಸಣ್ಣ ರೇಡಿಯೊಗಳಿಗೆ, ಅಂದರೆ ಸಮುದಾಯ ಬಾನುಲಿಗಳಿಗೆ, ಕೇಂದ್ರ ಸರ್ಕಾರ ಲೈಸನ್ಸ್ ಕೊಡುವಾಗಲೇ ಒಂದು ಗೆರೆ ಎಳೆದಿದೆ. ಮಳೆ ಬರುತ್ತದೆ, ಕರೆಂಟ್ ಹೋಗುತ್ತದೆ, ನೀರು ಬಿಡುವುದಿಲ್ಲ, ಪರೀಕ್ಷೆ ಇಂಥ ದಿನ, ಜಾತ್ರೆ ಇಂಥ ದಿನ ಎಂದೆಲ್ಲ ಹೇಳಬಹುದು. ಇವೆಲ್ಲ ಸರ್ಕಾರದ ಲೆಕ್ಕದಲ್ಲಿ ಸುದ್ದಿ ಅಲ್ಲ, ಪ್ರಕಟಣೆ. ಆದರೆ ಪೈಪು ಒಡೆದು ಎಷ್ಟು ದಿನವಾಯಿತು, ರಿಪೇರಿ ಯಾರ ಹೊಣೆ, ಟೆಂಡರ್ ಎಲ್ಲಿ ನಿಂತಿದೆ ಎಂದು ಕೇಳತೊಡಗಿದರೆ ಅದು ಸುದ್ದಿಯಾಗುತ್ತದೆ. ಸುದ್ದಿ ಬೇಕಿದ್ದರೆ ಆಕಾಶವಾಣಿ ಓದಿದ್ದನ್ನು ಇದ್ದದ್ದು ಇದ್ದಂತೆ ಮತ್ತೆ ಬಿತ್ತರಿಸಬೇಕು. ಆಕಾಶವಾಣಿಯ ಸುದ್ದಿಯೊಳಗೆ ನಮ್ಮ ಸೆಕ್ಟರಿನ ಪೈಪು ಬರುವುದು ಎಲ್ಲಿಂದ?

ಈ ಗೆರೆ ತಪ್ಪು ಎಂಬುದು ನನ್ನ ಗಟ್ಟಿ ಅಭಿಪ್ರಾಯ. ಗಾಳಿಯಲ್ಲಿ ಹರಿಯುವ ತರಂಗಗಳು ಸರ್ಕಾರದ ಸ್ವತ್ತಲ್ಲ, ಜನರ ಸ್ವತ್ತು ಎಂದು ಸುಪ್ರೀಂ ಕೋರ್ಟು 1995ರಲ್ಲೇ ಹೇಳಿಯಾಗಿದೆ. ಆ ತೀರ್ಪು ಬಂದದ್ದು ಕ್ರಿಕೆಟ್ ಪಂದ್ಯದ ಪ್ರಸಾರದ ಜಗಳದಲ್ಲಿ. ಅದರ ಬೆನ್ನಿಗೆ 2002ರಲ್ಲಿ ಕಾಲೇಜು, ವಿಶ್ವವಿದ್ಯಾಲಯಗಳಿಗೆ ರೇಡಿಯೊ ನಡೆಸುವ ಅವಕಾಶ ಸಿಕ್ಕಿತು. 2006ರಲ್ಲಿ ಸಂಘ ಸಂಸ್ಥೆಗಳಿಗೂ ಬಾಗಿಲು ತೆರೆಯಿತು. ಮರುವರ್ಷ ಧಾರವಾಡದ ಕೃಷಿ ವಿಶ್ವವಿದ್ಯಾಲಯ ರೈತರಿಗಾಗಿ ತನ್ನದೇ ಬಾನುಲಿ ಹಚ್ಚಿತು. ನಮ್ಮ ಬಾಗಲಕೋಟೆಯಲ್ಲೂ 1906ರಷ್ಟು ಹಳೆಯದಾದ ಬಸವೇಶ್ವರ ವೀರಶೈವ ವಿದ್ಯಾವರ್ಧಕ ಸಂಘದ ಸಮುದಾಯ ಬಾನುಲಿ 90.4ರಲ್ಲಿ ಸಿಗುತ್ತದೆ. ಇಂಥ ಕೇಂದ್ರಗಳ ಶಕ್ತಿ ಬರೀ 100 ವ್ಯಾಟ್. ಕಂಬದ ಎತ್ತರ 30 ಮೀಟರ್ ದಾಟುವಂತಿಲ್ಲ. ದನಿ ಹತ್ತು ಹದಿನೈದು ಕಿಲೋಮೀಟರಿನ ಆಚೆ ಹೋಗುವುದಿಲ್ಲ. ಬಾಗಲಕೋಟೆಯಲ್ಲಿ ಮಾತಾಡಿದ್ದು ಬಾದಾಮಿಗೆ ಕೇಳದು, ಇಳಕಲ್ಲಿಗಂತೂ ದೂರದ ಮಾತು.

“ಅಷ್ಟ ದೂರ ಹೋದ್ರ ಸಾಕಲ್ಲವಾ,” ಅಂದರು ಕಾಕು. “ನಮ್ಮ ಮಾತು ಕೇಳಬೇಕಾದವರು ಅಷ್ಟರಾಗ ಅದಾರ. ನೀರ ಬಿಡಾಂವ ದಿಲ್ಲಿಯೊಳಗ ಕುಂತಾನೇನು?”

ಇದಕ್ಕಿಂತ ಚೆನ್ನಾಗಿ ನನಗೆ ಹೇಳಲು ಬಾರದು. ಹತ್ತು ಹದಿನೈದು ಕಿಲೋಮೀಟರಿನ ರೇಡಿಯೊದಲ್ಲಿ ಪ್ರಶ್ನೆ ಕೇಳುವವಳೂ ಉತ್ತರ ಹೇಳಬೇಕಾದವನೂ ಒಂದೇ ಊರಿನವರು, ಒಂದೇ ಕಾಯಿಪಲ್ಲೆ ಬಜಾರಿನಲ್ಲಿ ಎದುರಾಗುವವರು. ಹಾಗಾಗಿ ಅಲ್ಲಿ ಆಡಿದ ಮಾತಿಗೆ ತೂಕವಿದೆ. ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ 2000ದ ದಶಕದ ಮೊದಲ ವರ್ಷಗಳಲ್ಲಿ ಇದನ್ನು ಮಾಡಿ ತೋರಿಸಿದರು. ಆಗ ಹಳ್ಳಿಯವರಿಗೆ ಲೈಸನ್ಸೇ ಸಿಗುತ್ತಿರಲಿಲ್ಲ. ಹಾಗಂತ ಅವರು ಸುಮ್ಮನೆ ಕೂರಲಿಲ್ಲ. ಮನೆಮನೆಗೆ ಹೋಗುವ ಕೇಬಲ್ ಟಿ.ವಿ. ತಂತಿಯಲ್ಲೇ ದನಿ ಹರಿಸಿ ‘ನಮ್ಮ ಧ್ವನಿ’ ಎಂದು ಹೆಸರಿಟ್ಟರು. ಕುಡಿಯುವ ನೀರಿನ ತೊಂದರೆಯಾದಾಗ ಹೆಣ್ಣುಮಕ್ಕಳ ದೂರನ್ನೇ ರೆಕಾರ್ಡ್ ಮಾಡಿ ಊರಿಗೆಲ್ಲ ಕೇಳಿಸಿದರು, ಕೆಲಸವೂ ಆಯಿತು. ನಮ್ಮ ಬೀದರಿನ ಗಡಿಯಾಚೆ ಜಹೀರಾಬಾದಿನ ಹತ್ತಿರ ಮಾಚನೂರು ಎಂಬ ಹಳ್ಳಿಯಿದೆ. ಅಲ್ಲಿ ದಲಿತ ಹೆಣ್ಣುಮಕ್ಕಳೇ 2008ರಿಂದ ಸಂಘಂ ರೇಡಿಯೊ ನಡೆಸಿದ್ದಾರೆ. ಬೀಜ, ಸಿರಿಧಾನ್ಯ, ಹಬ್ಬ, ಹಾಡು ಎಲ್ಲವನ್ನೂ ಹೊಲದಲ್ಲಿ ದುಡಿದು ಬಂದವರೇ ಮೈಕಿನ ಮುಂದೆ ಕೂತು ಮಾತಾಡುತ್ತಾರೆ.

ಕಾಕೂಗೆ ಇದೆಲ್ಲ ಹೇಳಿದೆ. ಅವರು ಕೌದಿ ಬಿಟ್ಟು ಗೋಡೆಗೆ ಮೊಣಕೈ ಊರಿದರು.

“ಹೆಂಗ ಮಾತಾಡ್ತಾರ? ಪುಸ್ತಕದ ಹಂಗೋ, ನಮ್ಮ ಹಂಗೋ?”

“ತಮ್ಮ ಮಾತಿನಾಗ ರೀ.”

“ಹಂಗಾರ ಚೊಲೊ. ನನಗ ರೇಡಿಯೊ ಅಂದ್ರ ಧಾರವಾಡ ನೋಡವಾ.”

ನಮ್ಮ ಕಡೆಯ ಆ ವಯಸ್ಸಿನವರಿಗೆಲ್ಲ ರೇಡಿಯೊ ಅಂದರೆ ಧಾರವಾಡವೇ. ಧಾರವಾಡ ಆಕಾಶವಾಣಿ ಶುರುವಾದದ್ದು 1950ರ ಜನವರಿ 8ರಂದು. ಮುಂದೆ ಅದು 200 ಕಿಲೋವ್ಯಾಟಿನ ದೊಡ್ಡ ಕೇಂದ್ರವಾಯಿತು. ಮೀಡಿಯಂ ವೇವಿನ 765ಕ್ಕೆ ಮುಳ್ಳು ತಿರುಗಿಸಿದರೆ ಕೃಷ್ಣಾ, ಘಟಪ್ರಭಾ, ಮಲಪ್ರಭಾ ಸೀಮೆಯ ಯಾವ ಹಳ್ಳಿಯಲ್ಲಾದರೂ ಸಿಗುತ್ತಿತ್ತು. ಬೇಂದ್ರೆಯವರು ಅಲ್ಲಿ ಸಲಹೆಗಾರರಾಗಿದ್ದರು. ಮಲ್ಲಿಕಾರ್ಜುನ ಮನಸೂರರು ಸಂಗೀತದ ಸಲಹೆಗಾರರು. ಎನ್ಕೆ ಕುಲಕರ್ಣಿಯವರು ಅಲ್ಲೇ ನೌಕರಿ ಮಾಡುತ್ತ ನಾಟಕ, ಹರಟೆ ಬರೆದರು. ಇಂಥವರು ಒಳಗಿದ್ದಾಗ ಆ ಕೇಂದ್ರದ ಮಾತು ನಮ್ಮ ಮಾತಿನ ಹಾಗೆ ಕೇಳದೆ ಇನ್ನೇನು? ‘ಐತಿ’, ‘ಬರತೈತಿ’ ಎನ್ನುವ ಮಾತಿಗೆ ಸಾಲಿಯಲ್ಲಿ ಮಾಸ್ತರರು ಕೆಂಪು ಗೆರೆ ಎಳೆಯುತ್ತಿದ್ದರು. ಅದೇ ಮಾತು ಸಂಜೆ ರೇಡಿಯೊದಲ್ಲಿ ಬಂದಾಗ ಮನೆಯವರೆಲ್ಲ ತಲೆಯೆತ್ತಿ ಕೇಳುತ್ತಿದ್ದರು.

ಕಾಕೂನ ಮಾವನವರ ಮನೆ ಹಳೇ ಬಾಗಲಕೋಟೆಯ ಕಿಲ್ಲಾ ಓಣಿಯಲ್ಲಿತ್ತು. ಪಡಸಾಲೆಯ ಗೂಡಿನಲ್ಲಿ ರೇಡಿಯೊ, ಅದಕ್ಕೆ ಕಸೂತಿ ಹಾಕಿದ ಅರಿವೆಯ ಹೊದಿಕೆ. ವರ್ಷಕ್ಕೊಮ್ಮೆ ಅಂಚೆ ಕಚೇರಿಗೆ ಹೋಗಿ ರೊಕ್ಕ ಕಟ್ಟಿ ಅದರ ಲೈಸನ್ಸ್ ಪುಸ್ತಕಕ್ಕೆ ಟಿಕೀಟು ಹಚ್ಚಿಸಿಕೊಂಡು ಬರಬೇಕಿತ್ತಂತೆ. ಗಂಡಸರು ಪ್ರದೇಶ ಸಮಾಚಾರ ಕೇಳಿ ಹೊರಗೆ ಹೋದ ಮೇಲೆ ಕಿವಿಗುಂಡಿ ತಿರುವುವ ಅಧಿಕಾರ ಹೆಂಗಸರದು. ಎಡಬಲದ ಮನೆಯವರೂ ಅಕ್ಕಿ, ಬ್ಯಾಳಿ ಹಸನು ಮಾಡುವ ಮೊರ ಹಿಡಿದು ಬಂದು ಕೂರುತ್ತಿದ್ದರು. ಒಂದು ರೇಡಿಯೊಕ್ಕೆ ನಾಲ್ಕು ಮನೆ.

“ಆದ್ರ ಧಾರವಾಡದವರಿಗೆ ನಮ್ಮ ಕಿಲ್ಲಾ ಎಲ್ಲಿಂದ ಗೊತ್ತಿರಬೇಕು? ಅವರು ಇಡೀ ನಾಡಿಗೆ ಹೇಳಬೇಕು. ನಮ್ಮ ಗಟಾರದ ಸುದ್ದಿ ನಾವ ಹೇಳಿಕೋಬೇಕು,” ಅಂದರು.

ಅಲ್ಲೇ ಇರುವುದು ವಿಷಯ. ಕಿಲ್ಲಾದ ಸುದ್ದಿಗೆ ಆಗ ರೇಡಿಯೊ ಬೇಕಿರಲಿಲ್ಲ, ಕಟ್ಟೆ ಇತ್ತು. ಈಗ ಕಟ್ಟೆ ಇಲ್ಲ. ಆಲಮಟ್ಟಿ ಅಣೆಕಟ್ಟಿನ ಹಿನ್ನೀರು ಘಟಪ್ರಭೆಯ ದಂಡೆಗುಂಟ ಹಳೇ ಬಾಗಲಕೋಟೆಯ ಒಳಗೆ ಬಂತು. ಓಣಿ ಓಣಿಯ ಮಂದಿ ಎದ್ದು ನವನಗರಕ್ಕೆ ಬಂದರು. ಇಲ್ಲಿ ಅಗಲ ರಸ್ತೆ, ಗಿಡಮರ, ಸೆಕ್ಟರು, ಪ್ಲಾಟ್ ನಂಬರು ಎಲ್ಲ ನೀಟಾಗಿದೆ. ಆದರೆ ಕಾಕೂನ ಎಡಮನೆಯವರು ಒಂದು ಸೆಕ್ಟರಿಗೆ ಹೋದರು, ಬಲಮನೆಯವರು ಇನ್ನೊಂದಕ್ಕೆ. ಹಿಟ್ಟಿನ ಗಿರಣಿಯವರ ಪತ್ತೆಯೇ ಇಲ್ಲ. ಪರಿಹಾರದ ಕಾಗದದಲ್ಲಿ ಮನೆ, ಜಾಗ, ಬಾಗಿಲು, ಕಿಟಕಿ ಎಲ್ಲ ಲೆಕ್ಕವಾದವು. ದಿನಾ ಮಾತಾಡುತ್ತಿದ್ದವರನ್ನು ಕಳೆದುಕೊಂಡದ್ದಕ್ಕೆ ಆ ಕಾಗದದಲ್ಲಿ ಒಂದು ಕಾಲಮ್ ಕೂಡ ಇರಲಿಲ್ಲ. ಆಲಮಟ್ಟಿಯ ನೀರನ್ನು 519.60 ಮೀಟರಿನಿಂದ 524.256ಕ್ಕೆ ಏರಿಸುವ ಮಾತು ನಡೆದೇ ಇದೆ. ಇನ್ನೂ ಎಷ್ಟೋ ಹಳ್ಳಿಗಳು ಏಳಬೇಕು. ಅವರ ಮನೆಗಳ ಅಳತೆ ತೆಗೆಯುವ ಹೊತ್ತಿಗೇ ಅವರ ಮಾತನ್ನೂ ಯಾರಾದರೂ ರೆಕಾರ್ಡ್ ಮಾಡಿಕೊಳ್ಳಲಿ. ಊರ ರೇಡಿಯೊಕ್ಕಿಂತ ಈ ಕೆಲಸಕ್ಕೆ ತಕ್ಕವರು ನನಗೆ ಕಾಣುವುದಿಲ್ಲ.

ನನ್ನ ತಕರಾರು ಒಂದಿದೆ. ನಮ್ಮ ಸಂಸ್ಕೃತಿಯ ಬಗ್ಗೆ ಕಾರ್ಯಕ್ರಮ ಎಂದ ಕೂಡಲೇ ಒಬ್ಬರು ಪ್ರಾಧ್ಯಾಪಕರನ್ನು ಕರೆಸಿ ಬಾದಾಮಿ ಚಾಲುಕ್ಯರಿಂದ ಶುರು ಮಾಡುತ್ತಾರೆ. ಪುಲಕೇಶಿ ದೊಡ್ಡವನೇ. ಆದರೆ ಹೋಳಿಯ ಬಗ್ಗೆ ಕೇಳಬೇಕೆಂದರೆ ಹಲಗಿ ಬಾರಿಸುವವರನ್ನು ಕರೆಯಬೇಕು. ನಮ್ಮೂರ ಹೋಳಿ ದಿನಗಟ್ಟಲೆ ನಡೆಯುತ್ತದೆ. ಕಿಲ್ಲಾ, ಹಳಪೇಟ, ಜೈನಪೇಟ, ಹೊಸಪೇಟ, ವೆಂಕಟಪೇಟ ಎಂದು ಓಣಿಗಳು ಸರದಿಯ ಮೇಲೆ ಬಣ್ಣದ ಬಂಡಿ ಹೂಡುತ್ತವೆ, ಪೀಪಾಯಿಗಟ್ಟಲೆ ಬಣ್ಣ ಎರಚುತ್ತವೆ. ಟಿ.ವಿ.ಯವರು ಬಂದು ಆ ಬಣ್ಣ ತೋರಿಸಿ ಹೋಗುತ್ತಾರೆ. ರೇಡಿಯೊಕ್ಕೆ ಬೇಕಾದದ್ದು ಅದಕ್ಕೂ ಮೊದಲಿನದು. ಹಲಗಿ ಬಾರಿಸುವ ಮುಂಚೆ ಅದನ್ನು ಕಾಯಿಸುತ್ತಾರೆ. ರವದಿ, ಕಾಗದ ಒಟ್ಟಿ ಸಣ್ಣ ಬೆಂಕಿ ಮಾಡಿ, ಚರ್ಮದ ಮೈಯನ್ನು ಅದರ ಮೇಲೆ ಸುತ್ತಲೂ ಆಡಿಸುತ್ತಾರೆ. ನಡುನಡುವೆ ಬೆರಳಿನಿಂದ ಬಡಿದು ನೋಡುತ್ತಾರೆ. ಮೊದಲು ಬದ್ ಬದ್ ಎನ್ನುತ್ತದೆ. ಕಾವು ಹತ್ತಿದಂತೆ ಚರ್ಮ ಬಿಗಿದು ದನಿ ಏರುತ್ತದೆ. ಇನ್ನೂ ಸ್ವಲ್ಪ, ಇನ್ನೂ ಸ್ವಲ್ಪ ಎಂದು ಆಡಿಸಿ, ಕಡೆಗೊಮ್ಮೆ ಠಣ್ ಎಂದಾಗ ಎದ್ದು ನಿಲ್ಲುತ್ತಾರೆ. ಆ ಬದ್ ಎನ್ನುವುದರಿಂದ ಠಣ್ ಎನ್ನುವವರೆಗಿನ ಸಪ್ಪಳವನ್ನೂ, ನಡುವೆ ಅವರವರೇ ಆಡಿಕೊಳ್ಳುವ ಮಾತನ್ನೂ ಹಾಗೇ ಕೇಳಿಸಿದರೆ ಸಾಕು. ವಿವರಣೆ ಕೊಡುವವರು ನಡುವೆ ಬಾಯಿ ಹಾಕುವುದು ಬೇಡ.

“ಇಳಕಲ್ಲದಾಗ ನಮ್ಮ ತಂಗಿ ಅದಾಳಲ್ಲ, ಆಕೀನ್ನ ಕೇಳಬೇಕು ರೇಡಿಯೊದವರು,” ಅಂದರು ಕಾಕು. “ಕೊಂಡಿ ಕಟ್ಟಿ ಕಟ್ಟಿ ಬೆರಳ ನೋಡು ಹೆಂಗ ಆಗ್ಯಾವ.”

ಇಳಕಲ್ಲ ಸೀರೆಯ ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ ತಯಾರಾಗುತ್ತವೆ. ಮೈಗೆ ಹತ್ತಿ ನೂಲಿದ್ದರೂ ಸೆರಗು ಕೆಂಪು ರೇಷ್ಮೆಯದು. ಈ ಎರಡೂ ಹಾಸಿನ ಎಳೆಗಳನ್ನು ಒಂದೊಂದಾಗಿ ಕುಣಿಕೆ ಹಾಕಿ ಕೂಡಿಸುವುದೇ ಕೊಂಡಿ. ಅದಾದ ಮೇಲೆ ಸೆರಗಿನ ಮೇಲೆ ಟೋಪ್ ತೆನಿ, ಕೋಟಿ ಕಮ್ಮಿ, ಹಣಿಗಿ, ರಂಪ ಬರುತ್ತವೆ. ಸೀರೆಯ ಅಂದದ ಬಗ್ಗೆ ಮಾತಾಡುವವರು ಬೇಕಾದಷ್ಟು ಜನರಿದ್ದಾರೆ. ಕೊಂಡಿ ಕಟ್ಟುವವಳಿಗೆ ದಿನಕ್ಕೆ ಸಿಗುವುದೆಷ್ಟು, ನೂಲಿನ ದರ ಏರಿದಾಗ ಮಗ್ಗದವರ ಮನೆಯಲ್ಲಿ ಏನಾಗುತ್ತದೆ, ಪವರ್‌ಲೂಮಿನ ಸೀರೆಯನ್ನು ಕೈಮಗ್ಗದ್ದೆಂದು ಮಾರುವುದನ್ನು ಕಂಡುಹಿಡಿಯುವುದು ಹೇಗೆ ಎಂದು ಕೇಳುವವರು ಕಡಿಮೆ. ಗುಳೇದಗುಡ್ಡದ ಖಣ ನೇಯುವವರ ಮಾತೂ ಹೀಗೆಯೇ. ಅದೇ ಇಳಕಲ್ಲಿನ ಮಹಾಂತ ಸ್ವಾಮಿಗಳು 1975ರಲ್ಲಿ ಜೋಳಿಗೆ ಹಿಡಿದು ಹೊರಟು ಜನರ ಚಟಗಳನ್ನು ಭಿಕ್ಷೆ ಬೇಡಿದರು. ಆ ಜೋಳಿಗೆಗೆ ಕುಡಿತ ಹಾಕಿ, ಮತ್ತೆ ಅದನ್ನು ಮುಟ್ಟದವರು ಹಳ್ಳಿ ಹಳ್ಳಿಯಲ್ಲಿದ್ದಾರೆ. ಆಗಸ್ಟ್ 1ರ ವ್ಯಸನಮುಕ್ತ ದಿನದಂದು ಭಾಷಣದ ಬದಲು ಅಂಥವರ ಹೆಂಡತಿಯರ ಎದುರು ಮೈಕ್ ಹಿಡಿದರೆ ಊರು ಕಿವಿಗೊಟ್ಟು ಕೇಳುತ್ತದೆ.

ರೊಕ್ಕದ ಮಾತು ಬೇಗ ಮುಗಿಸುತ್ತೇನೆ. ಸಣ್ಣ ರೇಡಿಯೊಕ್ಕೂ ಕರೆಂಟ್ ಬಿಲ್ಲು, ಹುಡುಗರ ಪಗಾರ ಇದ್ದೇ ಇರುತ್ತವೆ. ಮೊದಲು ತಾಸಿಗೆ 7 ನಿಮಿಷ ಮಾತ್ರ ಜಾಹೀರಾತು ಹಾಕಬಹುದಿತ್ತು. 2024ರಲ್ಲಿ ಅದನ್ನು 12 ನಿಮಿಷ ಮಾಡಿದರು. ಒಳ್ಳೆಯದಾಯಿತು. ಜಾಹೀರಾತಿಗೆ ಸಡಿಲವಾದ ಕೈ ಊರಿನ ಸುದ್ದಿಗೂ ಸಡಿಲವಾಗಲಿ.

ಸುದ್ದಿ ಯಾಕೆ ಬೇಕು ಎಂಬುದಕ್ಕೆ 2019ರ ಆಗಸ್ಟ್ ನೆನೆದರೆ ಸಾಕು. ನವಿಲುತೀರ್ಥ ಅಣೆಕಟ್ಟಿನಿಂದ ಬಿಟ್ಟ ನೀರಿಗೆ ಮಲಪ್ರಭೆ ಉಕ್ಕಿ ಪಟ್ಟದಕಲ್ಲಿನ ಗುಡಿಗಳ ಅಂಗಳಕ್ಕೂ ನೀರು ಬಂತು. ಬಾದಾಮಿ, ಹುನಗುಂದ ತಾಲೂಕಿನ ಹೊಳೆಸಾಲಿನ ಹಳ್ಳಿಗಳು ಜಲಾವೃತವಾದವು. ಹೊಳೆ ಉಕ್ಕಿದಾಗ ಮೊದಲು ಹೋಗುವುದು ಕರೆಂಟು, ಬೆನ್ನಿಗೇ ಮೊಬೈಲು. ಸೆಲ್ಲು ಹಾಕಿದ ಟ್ರಾನ್ಸಿಸ್ಟರ್ ಮಾತ್ರ ಹಾಡುತ್ತಿರುತ್ತದೆ. ಆ ರಾತ್ರಿಯಲ್ಲಿ ಜನಕ್ಕೆ ಬೇಕಾದದ್ದು ರಾಜ್ಯದ ಒಟ್ಟು ಹಾನಿಯ ಲೆಕ್ಕವಲ್ಲ. ಯಾವ ಸೇತುವೆ ಮುಳುಗಿದೆ, ದನಗಳನ್ನು ಯಾವ ದಿಬ್ಬಕ್ಕೆ ಹೊಡೆಯಬೇಕು, ಗಂಜಿ ಕೇಂದ್ರ ಯಾವ ಸಾಲಿಯಲ್ಲಿದೆ ಎಂಬುದು ಬೇಕು. ಇಂಥ ಎಚ್ಚರಿಕೆ ಹೇಳಲು ಈಗಲೂ ಅಡ್ಡಿಯಿಲ್ಲ. ನೀರು ಇಳಿದ ಮೇಲೆ ‘ಎಷ್ಟು ಬಿಡುತ್ತೇವೆಂದು ಎಷ್ಟು ತಾಸು ಮೊದಲು ತಿಳಿಸಿದಿರಿ?’ ಎಂಬ ಪ್ರಶ್ನೆಗೆ ಅಡ್ಡಿಯಿದೆ. ಹೊಳೆದಂಡೆಯವರ ಜೀವಕ್ಕೆ ಎರಡೂ ಬೇಕು.

“ಹಂಗಾರ ನೀ ಹೋಗಿ ಹೇಳು ಅವರಿಗೆ. ನೀ ಬರೀತಿ, ಓದತಿ,” ಅಂದರು ಕಾಕು.

“ಹೇಳತೇನ್ರಿ. ನೀವೂ ಬರ್ರಿ, ಕಿಲ್ಲಾದ ಮಾತು ಹೇಳೀರಂತ.”

“ನಾ ಒಬ್ಬಾಕಿ ಹೇಳಿದ್ರ ಬರೇ ನೆನಪ ಆಗತೈತಿ. ಎಡಮನಿಯಾಕೀನ್ನೂ ಕರಸು, ಆಕಿ ಎಂಟನೇ ಸೆಕ್ಟರಿನಾಗೋ ಎಲ್ಲೋ ಅದಾಳ. ಇಬ್ಬರನ್ನೂ ಎದುರಾಬದುರಾ ಕೂಡಿಸು. ಬಾವಿಕಟ್ಟಿ ಯಾರ ಮನಿ ಮುಂದಿತ್ತು ಅಂತ ಆಕಿ ಒಂದ ಹೇಳ್ತಾಳ, ನಾ ಒಂದ ಹೇಳ್ತೀನಿ. ಜಗಳ ಆಗಲಿ, ಮಂದಿ ಫೋನ್ ಮಾಡಿ ಖರೇ ಯಾವದು ಅಂತ ಹೇಳಲಿ. ಆವಾಗ ಊರ ಬರತೈತಿ ನೋಡು ರೇಡಿಯೊದಾಗ.” ಸ್ವಲ್ಪ ತಡೆದು ಮತ್ತೆ ಅಂದರು, “ಮತ್ತ ಬನಶಂಕರಿ ಜಾತ್ರಿಯೊಳಗ ರೊಟ್ಟಿ ಬುಟ್ಟಿ ಹೊತ್ತ ಬರ್ತಾರಲ್ಲ, ಬದನಿಕಾಯಿ ಪಲ್ಯ, ಕೆಂಪ ಚಟ್ನಿ, ಗಟ್ಟಿ ಮಸರು ಇಟಗೊಂಡು, ಅವರನ್ನೂ ಕೇಳಾಕ ಹೇಳು. ಎಷ್ಟಕ್ಕ ಏಳ್ತಾರ, ಎಷ್ಟ ರೊಟ್ಟಿ ಬಡೀತಾರ, ಉಳದದ್ದ ಏನ ಮಾಡ್ತಾರ. ನಾಟಕ ಕಂಪನಿಯವರದು ಹೆಂಗೂ ಮೈಕ್ ಐತಿ, ಅವರ ಕಾಳಜಿ ಬ್ಯಾಡ.”

“ಯಾವ ಹೊತ್ತಿಗೆ ಇಡಾಕ ಹೇಳಲಿ ರೀ?”

“ರೊಟ್ಟಿ ಬಡಿಯೂ ಹೊತ್ತಿಗೆ ಬ್ಯಾಡ, ಆ ಸಪ್ಪಳದಾಗ ಏನೂ ಕೇಳೂದಿಲ್ಲ. ಕಾಯಿಪಲ್ಯ ಸೋಸೂ ಹೊತ್ತಿಗೆ ಇಡಾಕ ಹೇಳು.”