ನಂಬಿಗಸ್ತ ಸುಳ್ಳಪ್ಪ

ಹೋಗಿ ನೆಲೆಸಬೇಕೆಂದು ನಾನು ಆಸೆಪಟ್ಟ ಊರು ಒಂದೇ ಒಂದು. ಅದಕ್ಕೆ ಬಸ್ಸಿಲ್ಲ, ರೈಲಿಲ್ಲ, ವೀಸಾ ಕೊಡುವ ಕಚೇರಿಯೂ ಇಲ್ಲ. ಸಮುದ್ರದ ನಡುವೆ ಎಲ್ಲೋ ಇರುವ ದ್ವೀಪ ಅದು. ಅಲ್ಲಿನ ಜನರಲ್ಲಿ ಎರಡೇ ಜಾತಿ: ಬಾಯಿಬಿಟ್ಟರೆ ನಿಜವನ್ನೇ ಆಡುವವರು, ಬಾಯಿಬಿಟ್ಟರೆ ಸುಳ್ಳನ್ನೇ ಆಡುವವರು. ಉಪಜಾತಿಯಿಲ್ಲ, ಒಳಪಂಗಡವಿಲ್ಲ, ಜಾತಿ ಪ್ರಮಾಣಪತ್ರಕ್ಕೆ ಯಾರೂ ಸಾಲು ನಿಲ್ಲುವುದಿಲ್ಲ. ನೋಡುವುದಕ್ಕೆ ಎಲ್ಲರೂ ಒಂದೇ ತರ ಇರುತ್ತಾರೆ. ಆಡಿದ ಮಾತಿನಿಂದಲೇ ಯಾರು ಯಾರೆಂದು ಕಂಡುಹಿಡಿಯಬೇಕು. ಇಂಗ್ಲಿಷಿನವರು ಇವರನ್ನು ನೈಟ್, ನೇವ್ ಎನ್ನುತ್ತಾರೆ. ನಮ್ಮ ಮನೆಯಲ್ಲಿ ಸತ್ಯಪ್ಪ, ಸುಳ್ಳಪ್ಪ ಎಂದೇ ರೂಢಿ.

ಇಂಥ ಒಗಟುಗಳು ಹಿಂದೆಯೂ ಇದ್ದವು. ಆದರೆ ದ್ವೀಪಕ್ಕೆ ಜನರನ್ನು ಹಡಗಿನ ತುಂಬ ಸಾಗಿಸಿದವರು ಅಮೆರಿಕದ ರೇಮಂಡ್ ಸ್ಮಲ್ಯನ್. 1919ರಲ್ಲಿ ಹುಟ್ಟಿ, 97 ವರ್ಷ ಬಾಳಿ, 2017ರಲ್ಲಿ ತೀರಿಕೊಂಡರು. ವೇದಿಕೆಯ ಮೇಲೆ ಜಾದೂ ಮಾಡುತ್ತಿದ್ದರು, ಪಿಯಾನೋ ನುಡಿಸುತ್ತಿದ್ದರು. ನಲವತ್ತರ ವಯಸ್ಸಿಗೆ ಪ್ರಿನ್ಸ್‌ಟನ್‌ನಲ್ಲಿ ಅಲೊಂಜೊ ಚರ್ಚ್ ಅವರ ಬಳಿ ತರ್ಕಶಾಸ್ತ್ರದಲ್ಲಿ ಡಾಕ್ಟರೇಟ್ ಪಡೆದರು. ಜಾದೂಗಾರ ಪ್ರೊಫೆಸರಾದರೆ ಎಂಥ ಪುಸ್ತಕ ಬರೆಯಬೇಕೋ ಅಂಥದನ್ನೇ 1978ರಲ್ಲಿ ಬರೆದರು. ಅದರ ಹೆಸರು ‘ಈ ಪುಸ್ತಕದ ಹೆಸರೇನು?’ ಪುಸ್ತಕದಂಗಡಿಗೆ ಹೋಗಿ ಇದನ್ನು ಕೇಳುವ ಫಜೀತಿಯನ್ನು ನೀವೇ ಊಹಿಸಿಕೊಳ್ಳಿ. “ಯಾವ ಪುಸ್ತಕ ಬೇಕು ಸಾರ್?” “ಈ ಪುಸ್ತಕದ ಹೆಸರೇನು?” “ಅದನ್ನೇ ನಾನೂ ಕೇಳ್ತಿರೋದು.”

ತಮಗೆ ತರ್ಕದ ಹುಚ್ಚು ಹಿಡಿದದ್ದು ಹೇಗೆಂದು ಆ ಪುಸ್ತಕದ ಮೊದಲಲ್ಲೇ ಅವರು ಹೇಳಿಕೊಂಡಿದ್ದಾರೆ. 1925ರ ಏಪ್ರಿಲ್ 1ನೇ ತಾರೀಖು. ಪುಟ್ಟ ರೇಮಂಡ್ ಜ್ವರ ಬಂದು ಮಲಗಿದ್ದ. ಹತ್ತು ವರ್ಷ ದೊಡ್ಡವನಾದ ಅಣ್ಣ ಎಮಿಲ್ ಬೆಳಿಗ್ಗೆಯೇ ಬಂದು, ಇವತ್ತು ನಿನ್ನನ್ನು ಎಂದೂ ಮಾಡಿರದಂತೆ ಬೇಸ್ತು ಬೀಳಿಸುತ್ತೇನೆ ನೋಡುತ್ತಿರು ಎಂದು ಹೇಳಿ ಹೋದ. ಹುಡುಗ ಇಡೀ ದಿನ ಕಾದ. ಏನೂ ಆಗಲಿಲ್ಲ. ರಾತ್ರಿ ಅಣ್ಣ ವಿವರಿಸಿದ: ಬೇಸ್ತು ಬೀಳಿಸುತ್ತೇನೆಂದು ನಂಬಿ ಕಾದೆ, ನಾನು ಬೀಳಿಸಲಿಲ್ಲ, ಅಂದಮೇಲೆ ಬೇಸ್ತು ಬಿದ್ದೆಯಲ್ಲ! ದೀಪ ಆರಿಸಿದ ಮೇಲೂ ಹುಡುಗನಿಗೆ ನಿದ್ದೆ ಬರಲಿಲ್ಲ. ಬೇಸ್ತು ಬೀಳಲಿಲ್ಲ ಎಂದರೆ ಕಾದದ್ದು ನಡೆಯಲಿಲ್ಲ, ಆದ್ದರಿಂದ ಬೇಸ್ತು ಬಿದ್ದಂತಾಯಿತು. ಬಿದ್ದೆ ಎಂದರೆ ಕಾದದ್ದೇ ನಡೆಯಿತು, ಮತ್ತೆ ಬೇಸ್ತು ಎಲ್ಲಿ ಬಂತು? ನಮ್ಮಲ್ಲಾಗಿದ್ದರೆ ಅಜ್ಜಿ ದೃಷ್ಟಿ ತೆಗೆದು ಮಲಗಿಸುತ್ತಿದ್ದಳು, ಜಗತ್ತಿಗೆ ಒಬ್ಬ ತರ್ಕಶಾಸ್ತ್ರಜ್ಞ ನಷ್ಟವಾಗುತ್ತಿದ್ದ.

ದ್ವೀಪದ ಒಗಟುಗಳಲ್ಲಿ ಬಹಳ ಸರಳವಾದ ಒಂದನ್ನು ನೋಡಿ. ದಂಡೆಯಲ್ಲಿ ಇಬ್ಬರು ಕೂತಿದ್ದಾರೆ. ಅವರಲ್ಲೊಬ್ಬ “ನಾವಿಬ್ಬರೂ ಸುಳ್ಳಪ್ಪಗಳೇ” ಅನ್ನುತ್ತಾನೆ. ಅವನು ಸತ್ಯಪ್ಪನಾಗಿದ್ದರೆ ತನ್ನನ್ನು ಸುಳ್ಳಪ್ಪ ಎಂದು ಕರೆದುಕೊಳ್ಳುವುದಿಲ್ಲ. ಆದ್ದರಿಂದ ಅವನು ಸುಳ್ಳಪ್ಪ, ಅವನ ಮಾತು ಸುಳ್ಳು. ಇಬ್ಬರೂ ಸುಳ್ಳಪ್ಪಗಳೆನ್ನುವುದು ಸುಳ್ಳಾದರೆ, ಬಾಯಿ ಬಿಡದೆ ಕೂತಿರುವ ಇನ್ನೊಬ್ಬ ಸತ್ಯಪ್ಪನೇ ಆಗಬೇಕು. ಒಂದು ಮಾತೂ ಆಡದವನ ಜಾತಕವನ್ನು ಸುಳ್ಳನೊಬ್ಬನ ಒಂದು ವಾಕ್ಯದಿಂದ ತೆಗೆದೆವು! ಈ ಕ್ಷಣದ ಖುಷಿ ಗೊತ್ತಿರುವವರು ಮಾತ್ರ ರಾತ್ರಿ ಹನ್ನೊಂದಕ್ಕೂ “ಇನ್ನೊಂದೇ ಒಂದು” ಎಂದು ಪುಟ ತಿರುಗಿಸುತ್ತಾರೆ.

ಖುಷಿಗೆ ಬಿಡಿಸುವವರದು ಒಂದು ಪಂಗಡವಾದರೆ, ಹೊಟ್ಟೆಪಾಡಿಗೆ ಬಿಡಿಸುವವರದು ಇನ್ನೊಂದು. ಸ್ಪರ್ಧಾತ್ಮಕ ಪರೀಕ್ಷೆಗಳ ಗೈಡುಗಳಲ್ಲೂ ಸತ್ಯಪ್ಪ ಸುಳ್ಳಪ್ಪರು ಕೂತಿದ್ದಾರೆ. ಅಣ್ಣನ ಮಗಳು ಬ್ಯಾಂಕ್ ಪರೀಕ್ಷೆಗೆ ಓದುತ್ತಿದ್ದಾಗ ಇವರ ಬಗ್ಗೆ ನಾನು ಉತ್ಸಾಹದಿಂದ ವಿವರಿಸಲು ಕೂತರೆ, “ಚಿಕ್ಕಪ್ಪ, ಇದಕ್ಕೆ ಒಂದು ನಿಮಿಷವೂ ಇಲ್ಲ. ಟೇಬಲ್ ಹಾಕಿ ಟಿಕ್ ಹೊಡೀಬೇಕು ಅಷ್ಟೇ,” ಅಂದಳು. ಹಾಗೆ ಅಂದುಕೊಳ್ಳೋಣ, ವಿರೋಧ ಬಂತೇ, ಅಡ್ಡಗೀಟು. ಹೀಗೆ ಅಂದುಕೊಳ್ಳೋಣ, ಬರಲಿಲ್ಲವೇ, ಟಿಕ್. ಅವಳ ಲೆಕ್ಕ ಸರಿ. ಆದರೆ ಸುಳ್ಳಪ್ಪನ ಜೊತೆ ಎರಡು ಮಾತಾಡದೆ ಟಿಕ್ ಹೊಡೆದು ಮುಂದೆ ಹೋಗುವುದು ನನಗೆ ಒಗ್ಗದು.

ನಮ್ಮಿಬ್ಬರ ಮಾತನ್ನು ಕೇಳುತ್ತಾ ಅವರೆಕಾಳು ಹಿಸುಕುತ್ತಿದ್ದ ದೊಡ್ಡಮ್ಮ ನಡುವೆ ಬಾಯಿ ಹಾಕಿದರು.

“ಅಲ್ಲ ಕಣೋ, ಆ ಸುಳ್ಳು ಹೇಳೋನಿಗೆ ಅದರಿಂದ ಏನು ಸಿಗುತ್ತೆ?”

“ಏನೂ ಇಲ್ಲ ದೊಡ್ಡಮ್ಮ.”

“ಮತ್ಯಾಕೆ ಹೇಳ್ತಾನೆ?”

“ಅದು ಅವನ ನಿಯಮ.”

“ಹಂಗಾದ್ರೆ ಅವನು ಸುಳ್ಳ ಅಲ್ಲ, ವ್ರತ ಹಿಡಿದೋನು,” ಎಂದು ಹೇಳಿ ಮತ್ತೆ ಅವರೆಕಾಳಿಗೆ ಮರಳಿದರು.

ಅವರ ಮಾತು ನನ್ನನ್ನು ಬಹಳ ದಿನ ಕಾಡಿತು. ನಿಜವೇ, ಸುಳ್ಳಪ್ಪನದು ಘೋರ ವ್ರತ. ಏನೂ ಲಾಭವಿಲ್ಲದೆ, ಮುಲಾಜಿಲ್ಲದೆ, ಹಬ್ಬಹರಿದಿನಗಳಲ್ಲೂ ರಜೆಯಿಲ್ಲದೆ ಸುಳ್ಳು ಹೇಳಬೇಕು. ತಪ್ಪಿಯೂ ನಿಜ ಬಾಯಿಗೆ ಬರಬಾರದೆಂದರೆ ಪ್ರತಿ ಸಂಗತಿಯ ನಿಜವೂ ಅವನಿಗೆ ಗೊತ್ತಿರಬೇಕು. ಹಸಿವಾದಾಗ ಹಸಿವಿಲ್ಲ ಅನ್ನಬೇಕು. ಅಲ್ಲಿನವರಿಗೆ ಅವನ ಮಾತನ್ನು ತಿರುವಿ ಓದುವುದು ಗೊತ್ತಿರುವುದರಿಂದ ಎಲೆಗೆ ಅನ್ನ ಬೀಳುತ್ತದೆ. ನಮ್ಮ ಮದುವೆ ಪಂಕ್ತಿಗಳಲ್ಲೂ ನಡೆಯುವುದು ಇದೇ ತಾನೆ? ಒಬ್ಬಟ್ಟು ಬಂದಾಗ “ಬೇಡ ಬೇಡ” ಎಂದು ಎಲೆಗೆ ಕೈ ಅಡ್ಡ ಹಿಡಿಯುತ್ತೇವೆ. ಬಡಿಸುವವರು ಕೈ ಸರಿಸಿ ಹಾಕುತ್ತಾರೆ. ಅಲ್ಲಿ ಕಷ್ಟವೆಲ್ಲ ನಿಜವಾಗಿ ಬೇಡವಾಗಿರುವ ಸಕ್ಕರೆ ಕಾಯಿಲೆಯವರಿಗೆ.

ಇನ್ನು ದ್ವೀಪದ ಕವಲುದಾರಿ. ಒಂದು ದಾರಿ ಊರಿಗೆ, ಇನ್ನೊಂದು ಹುಲಿಯ ಬಾಯಿಗೆ. ನಿಂತಿರುವವನು ಸತ್ಯಪ್ಪನೋ ಸುಳ್ಳಪ್ಪನೋ ಗೊತ್ತಿಲ್ಲ. ಕೇಳಲು ಇರುವುದು ಒಂದೇ ಪ್ರಶ್ನೆ. ಏನು ಕೇಳಬೇಕು? “ಎಡಗಡೆಯದು ಊರಿನ ದಾರಿಯೇ ಎಂದು ನಾನು ಕೇಳಿದ್ದರೆ ಹೌದು ಅನ್ನುತ್ತಿದ್ದಿರಾ?” ಎಂದು ಕೇಳಬೇಕು. ಸತ್ಯಪ್ಪನ ವಿಷಯದಲ್ಲಿ ತಕರಾರಿಲ್ಲ. ಎಡಗಡೆಯದೇ ಸರಿದಾರಿ ಎಂದುಕೊಳ್ಳಿ. ಸುಳ್ಳಪ್ಪ ನೇರ ಪ್ರಶ್ನೆಗೆ ಅಲ್ಲ ಅನ್ನುತ್ತಿದ್ದ. ಆದರೆ ‘ಹೌದು ಅನ್ನುತ್ತಿದ್ದಿರಾ’ ಎಂದು ಕೇಳಿದಾಗ ಅದನ್ನೂ ಮುಚ್ಚಿಟ್ಟು ಸುಳ್ಳು ಹೇಳಬೇಕು, ಆದ್ದರಿಂದ ಹೌದು ಅನ್ನುತ್ತಾನೆ. ಮುಳ್ಳಿನಿಂದ ಮುಳ್ಳು ತೆಗೆದ ಹಾಗೆ ಅವನ ಸುಳ್ಳನ್ನು ಅವನ ಸುಳ್ಳೇ ತೆಗೆಯುತ್ತದೆ. ಉತ್ತರ ಹೌದಾದರೆ ಎಡಕ್ಕೆ, ಅಲ್ಲವಾದರೆ ಬಲಕ್ಕೆ. ಹೇಳಿದವನು ಯಾರೆಂದು ಕೊನೆಗೂ ತಿಳಿಯುವುದಿಲ್ಲ, ತಿಳಿಯಬೇಕಾಗಿಯೂ ಇಲ್ಲ.

ಇದೇ ಪ್ರಶ್ನೆಯನ್ನು ಮಲೆನಾಡಿನ ಯಾವುದಾದರೂ ಕವಲಿನಲ್ಲಿ ಕೇಳಿ ನೋಡಿ. ಮೊದಲ ಉತ್ತರ “ಯಾರ ಮನೆಗೆ ಹೋಗ್ಬೇಕು?” ಎರಡನೆಯದು “ನೀವು ಯಾವ ಕಡೆಯವರು?” ಕೊನೆಗೆ ದಾರಿ ತೋರಿಸಿದರೂ ದೂರ ಎಷ್ಟೆಂದರೆ “ಇಲ್ಲೇ, ಒಂದು ಕೂಗಳತೆ.” ನಾಲ್ಕು ಕಿಲೋಮೀಟರ್ ನಡೆದ ಮೇಲೆ ಆ ಕೂಗು ಎಂಥವರದಿರಬಹುದೆಂದು ಯೋಚನೆ ಹತ್ತುತ್ತದೆ. ಹೇಳಿದವರು ಸುಳ್ಳಪ್ಪ ಅಲ್ಲ. ನಡೆಯುವವರಿಗೆ ಧೈರ್ಯ ಬರಲೆಂದು ದೂರ ಕಡಿಮೆ ಮಾಡಿದ ಪುಣ್ಯಾತ್ಮರು. ದ್ವೀಪದ ಜನಗಣತಿಯಲ್ಲಿ ಇವರಿಗೆ ಕಾಲಂ ಇಲ್ಲ.

ಕವಲುದಾರಿಯಲ್ಲಿ ನಿಂತ ಸತ್ಯಪ್ಪನೊಬ್ಬನ ಕತೆ ಮಹಾಭಾರತದಲ್ಲೇ ಇದೆ. ಕರ್ಣಪರ್ವದಲ್ಲಿ ಅರ್ಜುನ ಧರ್ಮರಾಯನ ಮೇಲೆಯೇ ಕತ್ತಿ ಹಿರಿಯುತ್ತಾನೆ. ಗಾಂಡೀವವನ್ನು ಇನ್ನೊಬ್ಬರಿಗೆ ಕೊಡು ಅಂದವರ ತಲೆ ತೆಗೆಯುತ್ತೇನೆಂದು ಹಿಂದೆ ಪ್ರತಿಜ್ಞೆ ಮಾಡಿದ್ದನಂತೆ, ಅಣ್ಣ ಸಿಟ್ಟಿನಲ್ಲಿ ಆ ಮಾತು ಅಂದುಬಿಟ್ಟ. ಆಡಿದ ಮಾತು ಸುಳ್ಳಾಗಬಾರದಲ್ಲ! ಆಗ ಕೃಷ್ಣ ಕೌಶಿಕನೆಂಬ ತಪಸ್ವಿಯ ಕತೆ ಹೇಳುತ್ತಾನೆ. ನಿಜವನ್ನೇ ಆಡುವ ವ್ರತ ಅವನದು. ದರೋಡೆಕೋರರಿಗೆ ಹೆದರಿ ಓಡಿಬಂದ ಜನ ಅವನ ಕಣ್ಣೆದುರೇ ಕಾಡು ಹೊಕ್ಕರು. ಬೆನ್ನಟ್ಟಿ ಬಂದವರು ಅವರು ಯಾವ ಕಡೆ ಹೋದರೆಂದು ಕೇಳಿದರು. ವ್ರತನಿಷ್ಠ ಕೌಶಿಕ ಇದ್ದದ್ದನ್ನು ಇದ್ದ ಹಾಗೆ ತೋರಿಸಿದ. ಜನ ಸತ್ತರು, ಕೌಶಿಕ ನರಕಕ್ಕೆ ಹೋದ. ಅಲ್ಲಿ ಸುಳ್ಳಪ್ಪನೊಬ್ಬ ಕೂತಿದ್ದರೆ ಅಷ್ಟೂ ಜನ ಉಳಿಯುತ್ತಿದ್ದರು. ದರೋಡೆಕೋರರು ಸ್ಮಲ್ಯನ್ನರ ಪುಸ್ತಕ ಓದಿರಲಿಲ್ಲ ಎಂಬುದನ್ನು ಇಲ್ಲಿ ಒಪ್ಪಿಕೊಳ್ಳಬೇಕು.

ನಮ್ಮಲ್ಲಿ ಶುದ್ಧ ಸತ್ಯಪ್ಪನೆಂದರೆ ಹರಿಶ್ಚಂದ್ರ. ರಾಘವಾಂಕನ ಕಾವ್ಯದಿಂದ ಹಿಡಿದು ನಾಟಕ, ಸಿನಿಮಾದವರೆಗೆ ಅವನಿಗಾಗಿ ಕನ್ನಡಿಗರು ಸುರಿಸಿದ ಕಣ್ಣೀರಿಗೆ ಲೆಕ್ಕವಿಲ್ಲ. ಇಷ್ಟಾದರೂ “ಬಂದ ನೋಡು ಸತ್ಯ ಹರಿಶ್ಚಂದ್ರ” ಎಂದು ನಾವು ಯಾರಿಗಾದರೂ ಅಂದರೆ ಅವನು ನಿಜ ಹೇಳುತ್ತಿಲ್ಲ ಎಂದೇ ಅರ್ಥ. ಕೇಳಿದವರು ತಿರುವಿಕೊಳ್ಳುತ್ತಾರೆ.

ಈಗ ನನಗೆ ಪರಿಚಯವಿರುವ ಸುಳ್ಳಪ್ಪನ ವಿಷಯ. ಅವರು ದರ್ಜಿ, ಹೆಸರು ಬೇಡ. ಬುಧವಾರ ಕೊಡುತ್ತೇನೆ ಅಂದರೆ ಬುಧವಾರ ಒಂದು ದಿನ ಬಿಟ್ಟು ಇನ್ಯಾವತ್ತಾದರೂ ಸಿಗಬಹುದು. “ಕಾಜಾ ಒಂದು ಬಾಕಿ” ಅಂದರೆ ಬಟ್ಟೆಗೆ ಇನ್ನೂ ಕತ್ತರಿ ಬಿದ್ದಿಲ್ಲ. ಇಡೀ ಬೀದಿ ಅವರ ಮಾತನ್ನು ತಿರುವಿ ಓದುವುದು ಕಲಿತು ನೆಮ್ಮದಿಯಾಗಿತ್ತು. ಹೀಗಿರುವಾಗ ಒಂದು ಗೌರಿ ಹಬ್ಬಕ್ಕೆ, ಹೇಳಿದ ದಿನವೇ ಎಲ್ಲರ ರವಿಕೆಯನ್ನೂ ಹೊಲಿದಿಟ್ಟುಬಿಟ್ಟರು. ಯಾರೂ ತೆಗೆದುಕೊಳ್ಳಲು ಹೋಗಲಿಲ್ಲ. ಅಂದಿನಿಂದ ಅವರ ಮಾತಿಗೆ ಬೆಲೆಯಿಲ್ಲ. ಸುಳ್ಳು ಹೇಳುತ್ತಾರೆಂದಲ್ಲ, ಒಮ್ಮೊಮ್ಮೆ ನಿಜವನ್ನೂ ಹೇಳಿಬಿಡುತ್ತಾರಲ್ಲ ಎಂದು!

“ನಾಳೆ ಬನ್ನಿ” ಎನ್ನುವ ಅವರ ಮಾತಿನಿಂದ ನೆನಪಾಯಿತು. ತೊಂಬತ್ತರ ದಶಕದಲ್ಲಿ ನಮ್ಮ ಹಳ್ಳಿಗಳಲ್ಲೂ ಬೆಂಗಳೂರಿನ ಬೀದಿಗಳಲ್ಲೂ ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆದಿರುತ್ತಿದ್ದರು. ರಾತ್ರಿ ಮನೆಯವರ ದನಿಯಲ್ಲೇ ಕೂಗುವ ದೆವ್ವವೊಂದು ಊರೂರು ತಿರುಗುತ್ತಿದೆ ಎಂಬ ಸುದ್ದಿ. ಬಾಗಿಲ ಮೇಲಿನದನ್ನು ಓದಿಕೊಂಡು ಅದು ವಾಪಸು ಹೋಗಬೇಕು, ಮರುದಿನ ಬಂದರೆ ಮತ್ತೆ ‘ನಾಳೆ ಬಾ’. ಹಾಗೆ ಬರೆದವರನ್ನು ಸುಳ್ಳರೆನ್ನುವುದು ಹೇಗೆ? ನಾಳೆ ಎನ್ನುವುದು ಬಂದರೆ ತಾನೆ ಮಾತು ತಪ್ಪಿದಂತೆ! ದೆವ್ವಕ್ಕೆ ಕನ್ನಡ ಓದಲು ಬರುತ್ತಿತ್ತು, ಬರೆದದ್ದನ್ನು ನಂಬುವ ಒಳ್ಳೆಯ ಗುಣವೂ ಇತ್ತು. ಕಚೇರಿಗಳಿಗೆ ಅರ್ಜಿ ಹಿಡಿದು ಅಲೆಯುವವರು ಆ ದೆವ್ವದ ಬಗ್ಗೆ ನಗಬಾರದು.

ದ್ವೀಪದಲ್ಲಿ ಯಾರೂ ಆಡಲಾಗದ ಮಾತು ಒಂದಿದೆ: ‘ನಾನು ಸುಳ್ಳಪ್ಪ.’ ಸತ್ಯಪ್ಪ ಅಂದರೆ ಸುಳ್ಳಾಗುತ್ತದೆ, ಸುಳ್ಳಪ್ಪ ಅಂದರೆ ನಿಜವಾಗಿಬಿಡುತ್ತದೆ. ಗ್ರೀಕರ ಎಪಿಮೆನಿಡಿಸ್ ತಾನು ಕ್ರೀಟ್ ದ್ವೀಪದವನಾಗಿದ್ದುಕೊಂಡು ಕ್ರೀಟಿನವರೆಲ್ಲ ಸುಳ್ಳರು ಎಂದನಂತೆ. ನಮ್ಮ ಭರ್ತೃಹರಿಯೂ ‘ವಾಕ್ಯಪದೀಯ’ದಲ್ಲಿ, ನಾನು ಹೇಳುವುದೆಲ್ಲ ಸುಳ್ಳು ಎನ್ನುವ ಮಾತನ್ನು ಎತ್ತಿಕೊಂಡಿದ್ದಾನೆ. ವೈಯಾಕರಣಿಯ ಜಾಣತನ ನೋಡಿ: ಹಾಗೆನ್ನುವವನ ಮನಸ್ಸಿನಲ್ಲಿರುವುದು ತನ್ನ ಉಳಿದ ಮಾತುಗಳು, ಆ ಮಾತನ್ನೇ ಅದರೊಳಕ್ಕೆ ಎಳೆದು ತರಬಾರದು ಎಂದು ಗಂಟು ಬಿಚ್ಚಿ ಕೈ ತೊಳೆದುಕೊಂಡ. ಅಷ್ಟು ಸುಲಭಕ್ಕೆ ಬಿಡದ ತರ್ಕಶಾಸ್ತ್ರಜ್ಞ ಗೋಡೆಲ್ 1931ರಲ್ಲಿ, ‘ನಾನು ಸುಳ್ಳು’ ಎನ್ನುವ ವಾಕ್ಯವನ್ನು ಕೊಂಚ ತಿರುಚಿ ‘ನನ್ನನ್ನು ಸಾಧಿಸಲಾಗದು’ ಎನ್ನುವ ವಾಕ್ಯವನ್ನು ಗಣಿತದೊಳಗೇ ಕಟ್ಟಿದರು. ಅಂಕಗಣಿತದ ಎಲ್ಲ ನಿಜಗಳನ್ನೂ ಸಾಧಿಸಿ ತೋರಿಸುವ, ವಿರೋಧವಿಲ್ಲದ ನಿಯಮಾವಳಿಯನ್ನು ಬರೆದು ಮುಗಿಸಲಾಗದೆಂದು ಹಾಗೆ ತಿಳಿಯಿತು. ಸ್ಮಲ್ಯನ್ ಸುಳ್ಳಪ್ಪಗಳನ್ನು ಮುಂದಿಟ್ಟುಕೊಂಡು ಓದುಗರಿಗೆ ಗೊತ್ತಾಗದಂತೆ ನಡೆಸಿಕೊಂಡು ಹೋಗುತ್ತಿದ್ದದ್ದು ಅಲ್ಲಿಗೇ.

ದ್ವೀಪಕ್ಕೆ ಅವರು ಮೂರನೆಯ ಜಾತಿಯೊಂದನ್ನೂ ಬಿಟ್ಟರು: ಒಮ್ಮೆ ನಿಜ, ಒಮ್ಮೆ ಸುಳ್ಳು, ತೋಚಿದ ಹಾಗೆ. ಇವರಿಗೆ ಅವರು ಕೊಟ್ಟ ಹೆಸರು ‘ಸಾಮಾನ್ಯರು’. ನೀವು, ನಾನು, ಹಬ್ಬದ ನಂತರದ ದರ್ಜಿ. ಜಾರ್ಜ್ ಬೂಲೋಸ್ ಎಂಬ ತತ್ತ್ವಜ್ಞಾನಿ 1996ರಲ್ಲಿ, ತಾವು ತೀರಿಕೊಂಡ ವರ್ಷವೇ, ಅತಿ ಕಠಿಣ ತರ್ಕದ ಒಗಟು ಎಂದು ಹೆಸರಿಟ್ಟು ಪ್ರಕಟಿಸಿದ್ದರಲ್ಲೂ ತಲೆ ತಿನ್ನುವವನು ಈ ಮೂರನೆಯವನೇ. ಒಗಟು ಸ್ಮಲ್ಯನ್ನರದೆಂದು ಬೂಲೋಸರೇ ಹೇಳಿದ್ದಾರೆ. ಮೂವರು ದೇವರು. ಒಬ್ಬ ಸತ್ಯ, ಒಬ್ಬ ಸುಳ್ಳು, ಇನ್ನೊಬ್ಬ ಮನಸ್ಸಿನಲ್ಲೇ ನಾಣ್ಯ ಚಿಮ್ಮಿ ಉತ್ತರ ಹೇಳುವವನು. ಹೌದು, ಅಲ್ಲ ಎನ್ನುವುದಕ್ಕೆ ಅವರ ಭಾಷೆಯಲ್ಲಿ ‘ಡಾ’, ‘ಜಾ’ ಎಂದಿವೆ. ಯಾವುದಕ್ಕೆ ಯಾವುದೆಂದು ನಮಗೆ ಗೊತ್ತಿಲ್ಲ. ಮೂರೇ ಪ್ರಶ್ನೆ, ಒಂದು ಸಲಕ್ಕೆ ಒಬ್ಬ ದೇವರಿಗೆ. ಯಾರು ಯಾರೆಂದು ಹೇಳಬೇಕು. ಬಿಡಿಸುವ ಕೀಲಿ ಇರುವುದು ಮೊದಲ ಪ್ರಶ್ನೆಯಲ್ಲಿ: ಖಂಡಿತವಾಗಿ ಮೂರನೆಯವನಲ್ಲದ ಒಬ್ಬ ದೇವರನ್ನು ಅದರಿಂದ ಹುಡುಕಿಕೊಳ್ಳಬೇಕು. ಅವನು ಸತ್ಯನೋ ಸುಳ್ಳನೋ ಎಂಬ ಚಿಂತೆ ಆಮೇಲಿನದು. ಹೊಸ ಕಚೇರಿಗೆ, ಹೊಸ ಬೀದಿಗೆ ಹೋದಾಗ ನಾನು ಮಾಡುವುದೂ ಇದನ್ನೇ.

ಉಳಿದದ್ದು ನಿಮ್ಮ ಪಾಲಿಗೆ. ಪೆನ್ಸಿಲ್, ರಬ್ಬರ್ ಹತ್ತಿರ ಇಟ್ಟುಕೊಳ್ಳಿ, ಮೇಲೆ ಹೇಳಿದ ಕವಲುದಾರಿಯ ಪ್ರಶ್ನೆಯನ್ನು ಮರೆಯಬೇಡಿ, ಡಾ ಎಂದರೇನೆಂದು ತಿಳಿಯಲು ಒಂದು ಪ್ರಶ್ನೆಯನ್ನೂ ವ್ಯರ್ಥ ಮಾಡಬೇಡಿ. ಬೂಲೋಸ್ ತಮ್ಮ ಲೇಖನದಲ್ಲೇ ಉತ್ತರವನ್ನೂ ಕೊಟ್ಟಿದ್ದಾರೆ. ದಯವಿಟ್ಟು ಒಂದು ವಾರದ ಮಟ್ಟಿಗಾದರೂ ಅದನ್ನು ಹುಡುಕಬೇಡಿ.