ಹೇಳಿ ಬರೆಸಿದ ಬದುಕು

"ಏನ್ ತಮ್ಮಾ, ಪುಸ್ತಕಕ್ಕೂ ಬಿಸಲ ತೋರಸ್ತಾರೇನು?" ಬೇಲಿಯಾಚೆ ನಿಂತು ಬಾಜೂ ಮನೆಯ ಅಕ್ಕ ಕೇಳಿದರು. ಮಳೆಗಾಲದಲ್ಲಿ ಗೂಡು ತೇವ ಹಿಡಿದಿತ್ತು, ಹೊರಸಿನ ಮೇಲೆ ಪುಸ್ತಕ ಹರವಿದ್ದೆ. ಕೇಳಿದವರು ಹಾಗೇ ಹೋಗಲಿಲ್ಲ. ಬೇಲಿಗೆ ಕೈ ಆನಿಸಿ ಒಂದೊಂದೇ ಹೆಸರು ಓದತೊಡಗಿದರು.

"ಮಂಜಮ್ಮ ಜೋಗತಿ... ರಾಷ್ಟ್ರಪತಿಗಳ ದೃಷ್ಟಿ ತಗದಾಕಿ ಅಲ್ಲೇನು ಇಕಿ?"

ಹೌದು, ಆಕೆಯೇ. 2021ರಲ್ಲಿ ಪದ್ಮಶ್ರೀ ತಗೊಳ್ಳುವಾಗ ಸೆರಗು ಬೀಸಿ ಹರಸಿದ್ದನ್ನು ಟಿವಿಯಲ್ಲಿ ನಾಡೆಲ್ಲ ನೋಡಿತ್ತು. ಆ ಸೆರಗಿನ ಹಿಂದಿನ ದಾರಿ ಮಾತ್ರ ಪುಸ್ತಕದಲ್ಲಿದೆ. ಬಳ್ಳಾರಿ ಕಡೆಯ ಕಲ್ಲುಕಂಬದ ಮಂಜುನಾಥ ಎಂಬ ಹುಡುಗನಿಗೆ 1975ರಲ್ಲಿ ಹುಲಿಗಿಯಲ್ಲಿ ಮುತ್ತು ಕಟ್ಟಿಸಿ ಜೋಗತಿ ಮಾಡಿದರು. ಮನೆ ಬಿಟ್ಟಾಯಿತು, ಭಿಕ್ಷೆ ಬೇಡಿದ್ದಾಯಿತು, ಸಾಯಲು ಹೋಗಿ ಉಳಿದದ್ದೂ ಆಯಿತು. ದಾವಣಗೆರೆಯಲ್ಲಿ ಒಮ್ಮೆ ಅಪ್ಪ ಹಾಡುತ್ತಿದ್ದ, ಮಗ ತಲೆಯ ಮೇಲೆ ಕೊಡ ಹೊತ್ತು ಕುಣಿಯುತ್ತಿದ್ದ. ಅದನ್ನು ಕಂಡ ಮೇಲೆ ಮಂಜಮ್ಮನ ಕಾಲು ಕುಣಿತದ ದಾರಿ ಹಿಡಿಯಿತು. ಕಾಳವ್ವ ಜೋಗತಿ ಗುರುವಾದಳು. ಕೊಡ ಹೊತ್ತು ಕುಣಿದವಳೇ 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷೆಯಾದಳು. ಈ ಬದುಕನ್ನು ಆಕೆ ಹೇಳಿದಳು, ಅರುಣ್ ಜೋಳದಕೂಡ್ಲಿಗಿ ಬರೆದುಕೊಂಡರು. 'ನಡುವೆ ಸುಳಿವ ಹೆಣ್ಣು' ಆದದ್ದು ಹಾಗೆ.

"ಜೋಗಮ್ಮಗಳು ನಮ್ಮ ಓಣಿಗೂ ಬರ್ತಾರ. ಜೋಳ ಹಾಕಿ ಕಳಸ್ತೀವಿ. ಕುಂದ್ರಿಸಿ ಎಲ್ಲಿ ಕೇಳೀವಿ?" ಎಂದರು ಅಕ್ಕ. ಆ ಮಾತು ನನಗೆ ಚುರುಕ್ಕೆಂದಿತು.

ಅಷ್ಟರಲ್ಲಿ ಅವರ ಕಣ್ಣು ಇನ್ನೊಂದರ ಮೇಲೆ ಹೋಯಿತು. "ಅಪಾಚೆ ಅಂದ್ರ ನಮ್ಮ ಹುಡುಗ ಓಡಸೋ ಗಾಡಿ ಅಲ್ಲೇನು?"

ಗಾಡಿಗೆ ಹೆಸರು ಕೊಟ್ಟ ಜನ ಅವರು ಅಂದೆ. ಅಮೆರಿಕದ ನೈಋತ್ಯದ ಬೆಟ್ಟ, ಬೆಂಗಾಡು ಅವರ ನಾಡು. ಜೆರೋನಿಮೊ ಅವರ ಹೆಸರಾಂತ ಕಾದಾಳು. ಮೆಕ್ಸಿಕೋದ ಸೈನಿಕರು ಅವನ ತಾಯಿ, ಹೆಂಡತಿ, ಮೂರು ಮಕ್ಕಳನ್ನು ಕೊಂದರು. ಅಲ್ಲಿಂದ ಅವನು ಸೇಡಿನ ಹಾದಿ ಹಿಡಿದ. 1886ರಲ್ಲಿ ಅವನ ಜೊತೆಗಿದ್ದ ನಲವತ್ತು ಮಂದಿಯೂ ಇರದ ಗುಂಪನ್ನು ಹಿಡಿಯಲು ಅಮೆರಿಕ ಸುಮಾರು 5,000 ಸೈನಿಕರನ್ನು ಇಳಿಸಿತು.

"ವಾಗಣಗೇರಿ ಕತಿ ಕೇಳಿದಂಗ ಆಗ್ತದ ನೋಡು," ಎಂದರು ಅಕ್ಕ.

ನಿಜ, ನನಗೂ ಹಾಗೇ ಅನಿಸಿತ್ತು. 1705ರಲ್ಲಿ ಮುದಿ ಔರಂಗಜೇಬ ತಾನೇ ದಂಡು ಕಟ್ಟಿಕೊಂಡು ವಾಗಣಗೇರಿಗೆ ಬಂದ. ಅವನು ಮುಂದೆ ನಿಂತು ನಡೆಸಿದ ಕೊನೆಯ ಮುತ್ತಿಗೆ ನಮ್ಮ ಸುರಪುರದ ಬೇಡರ ಮೇಲೆಯೇ. ಕೋಟೆ ಕೈಸೇರುವ ಹೊತ್ತಿಗೆ ಬೇಡರ ದೊರೆ ಪಿಡ್ಡನಾಯಕ ರಾತ್ರೋರಾತ್ರಿ ತನ್ನವರ ಜೊತೆ ಬೆಟ್ಟ ಸೇರಿಬಿಟ್ಟಿದ್ದ. ಗುಂಡುಕಲ್ಲಿನ ನಾಡಿನವರಿಗೆ ಸಾಮ್ರಾಜ್ಯದೊಡನೆ ಕಾದುವ ದಾರಿ ಅರಿಜೋನಾದಲ್ಲೂ ಅದೇ, ಇಲ್ಲೂ ಅದೇ.

ಆದರೆ ನನ್ನ ಮನಸ್ಸು ಹೊಕ್ಕದ್ದು ಯುದ್ಧವಲ್ಲ, ಜೆರೋನಿಮೊನ ಕಥೆ ಪುಸ್ತಕವಾದ ಬಗೆ. ಜೆರೋನಿಮೊ ಶರಣಾದ ಮೇಲೆ ಸಾಯುವವರೆಗೂ ಸೆರೆಯಾಳು. 1909ರಲ್ಲಿ ಸತ್ತದ್ದೂ ಸೆರೆಯಾಳಾಗಿಯೇ. ಬ್ಯಾರೆಟ್ ಎಂಬ ಶಾಲಾ ಅಧಿಕಾರಿ ಅವನ ಕಥೆ ಬರೆದುಕೊಳ್ಳಲು ಹೋದರೆ ಸೈನ್ಯ ಒಪ್ಪಲಿಲ್ಲ. ಅಧ್ಯಕ್ಷ ರೂಸ್‌ವೆಲ್ಟ್ ತನಕ ಹೋಗಿ ಅನುಮತಿ ತಂದ. ಮುದುಕ ತನ್ನ ಷರತ್ತು ಹಾಕಿದ: ನಡುವೆ ಪ್ರಶ್ನೆ ಕೇಳಬಾರದು, ಹೇಳಿದಷ್ಟನ್ನು ಬರೆಯಬೇಕು. ಡಾಕ್ಲುಗಿ ಎಂಬ ಅಪಾಚೆಯವನೇ ದುಭಾಷಿ. 1906ರಲ್ಲಿ ಪುಸ್ತಕ ಬಂತು. ಡಾಕ್ಲುಗಿ ತನ್ನ ಇಳಿವಯಸ್ಸಿನಲ್ಲಿ ಈವ್ ಬಾಲ್ ಎಂಬ ಹೆಣ್ಣುಮಗಳಿಗೆ ತನ್ನ ಜನರ ಕಥೆ ಹೇಳಿದ. ಅದು ಅಚ್ಚಾದದ್ದು 1980ರಲ್ಲಿ, ಅವನು ತೀರಿಹೋಗಿ ಎಷ್ಟೋ ವರ್ಷದ ಮೇಲೆ.

ಕುಣಿತವನ್ನೂ ಅಪಾಚೆಗಳು ಬಿಟ್ಟುಕೊಡಲಿಲ್ಲ. ಹುಡುಗಿ ಮೈನೆರೆದಾಗ ಅವರಲ್ಲಿ ದಿನಗಟ್ಟಲೆ ಹಬ್ಬ. ರಾತ್ರಿ ಬೆಂಕಿಯ ಸುತ್ತ ಬೆಟ್ಟದ ದೇವತೆಗಳ ಮುಖವಾಡ ಹಾಕಿ ಗಂಡಸರು ಕುಣಿಯುತ್ತಾರೆ. ನಾಯ್ಚೆ ಎಂಬ ನಾಯಕ ಸೆರೆಯಲ್ಲಿ ಕೂತು ಈ ಹಬ್ಬವನ್ನೇ ಜಿಂಕೆಯ ಚರ್ಮದ ಮೇಲೆ ಬಿಡಿಸಿದ. ಅವನ ಪಂಗಡವನ್ನೆಲ್ಲ 27 ವರ್ಷ ಸೆರೆಯಲ್ಲಿಟ್ಟರೂ ಹಬ್ಬ ಉಳಿಯಿತು.

"ನಮ್ಮ ಸುರಪುರದ ರಾಜಾಂದು ಪುಸ್ತಕ ಇಲ್ಲೇನು?" ಎಂದರು ಅಕ್ಕ.

ಇದೆ, ಆದರೆ ರಾಜನದಲ್ಲ, ಟೇಲರ್ ಸಾಹೇಬರದು. ಮೆಡೋಸ್ ಟೇಲರ್ ಲಿವರ್‌ಪೂಲಿನಲ್ಲಿ ಹುಟ್ಟಿ, ಎಳೆಯ ಹುಡುಗನಾಗಿ ಮುಂಬೈಗೆ ಬಂದು, ನಿಜಾಮರ ದಂಡು ಸೇರಿದವರು. 1841ರಲ್ಲಿ ಸುರಪುರಕ್ಕೆ ಬಂದರು, 1853ರವರೆಗೆ ಇದ್ದರು. ಕಾದಂಬರಿ ಬರೆದರು, ಬೋನಾಳ ಕೆರೆಯ ಕೆಲಸ ಮಾಡಿಸಿದರು, ನಮ್ಮ ರಾಜನಕೋಳೂರಿನ ಕಲ್ಲುಗೋರಿಗಳನ್ನು ನೋಡಿ ಬರೆದಿಟ್ಟರು. ಅವರ ಆತ್ಮಕಥೆ ಅವರು ತೀರಿದ ಮರುವರ್ಷ, 1877ರಲ್ಲಿ ಬಂತು. ಸುರಪುರದ ಬಾಲಕ ರಾಜ ವೆಂಕಟಪ್ಪನಾಯಕ ಅವರನ್ನು 'ಅಪ್ಪಾ' ಎನ್ನುತ್ತಿದ್ದ. 1858ರಲ್ಲಿ ದಂಗೆಯೆದ್ದು ಸೆರೆಯಾದಾಗಲೂ ಹಾಗೆಯೇ ಕರೆದ. ಜೊತೆಗಿದ್ದವರ ಹೆಸರು ಕೇಳಿದರೆ ಮಾತ್ರ ಬಾಯಿ ಬಿಡಲಿಲ್ಲ. ಸೆರೆಗೆ ಒಯ್ಯುವ ದಾರಿಯಲ್ಲಿ ಗುಂಡು ತಗುಲಿ ಸತ್ತ. ತಾನೇ ಹಾರಿಸಿಕೊಂಡನೆಂದು ಟೇಲರ್ ಬರೆದರು. ಅದನ್ನು ಒಪ್ಪದವರು ಇಂದಿಗೂ ಇದ್ದಾರೆ.

ಟೇಲರ್ ಸಾಹೇಬರಿಗೆ ಆ ಹುಡುಗನ ಮೇಲೆ ಕರುಳಿತ್ತು, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೂ ಕಥೆ ಒಬ್ಬರ ಬಾಯಿಂದಲೇ ಬಂದದ್ದು. ಜೆರೋನಿಮೊಗೆ ಮುದಿವಯಸ್ಸು ದಕ್ಕಿತು, ಕೇಳುವವನೂ ಸಿಕ್ಕ. ನಮ್ಮ ರಾಜ ಮೂವತ್ತು ಕಾಣಲಿಲ್ಲ. ಅವನ ತಾಯಿ ರಾಣಿ ಈಶ್ವರಮ್ಮ ಹೇಗೆ ಯೋಚಿಸುತ್ತಿದ್ದಳು ಎಂಬುದೂ ಟೇಲರ್ ಬರೆದಷ್ಟೇ ನಮಗೆ ಗೊತ್ತು, ಮತ್ತು ಅವರಿಗೂ ಆಕೆಗೂ ಸರಿಯಿರಲಿಲ್ಲ. ಇಂಗ್ಲಿಷರ ಮೇಲೆ ದಂಗೆಯೆದ್ದ ಹಲಗಲಿ ಬೇಡರಿಗೆ ಲಾವಣಿಯಾದರೂ ಇತ್ತು. ಇಂಗ್ಲಿಷ್ ಅಧಿಕಾರಿ ಫ್ಲೀಟ್ ಅದನ್ನು ಬರೆಸಿಕೊಂಡು ಅಚ್ಚು ಮಾಡಿಸಿದ. ಅದಕ್ಕೇ ಇವತ್ತು ಹಲಗಲಿಯ ಜಡಗ, ಬಾಲ ಶಾಲೆಯ ಮಕ್ಕಳಿಗೂ ಗೊತ್ತು.

ಅಕ್ಕ ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದರು: "ನಮ್ಮತ್ತಿ ವಾಗಣಗೇರಿ ಕಡಿಯಾಕಿ. ಬೀಸೋ ಹಾಡು ಭಾಳ ಗೊತ್ತು. ನಾಯಕರ ಮ್ಯಾಲಿನ ಹಾಡೂ ಅದಾವಂತ. ಬರಕೊಂತೀಯೇನು?"

"ನಾನ್ಯಾಕ್ರೀ ಅಕ್ಕಾ, ನೀವೇ ಬರಕೋರ್ರಿ. ನಿಮ್ಮ ಮುಂದ ಅವ್ರು ಹಾಡಿದಂಗ ನನ್ನ ಮುಂದ ಹಾಡೂದಿಲ್ಲ," ಎಂದೆ. ಫೋನಿನಲ್ಲಿ ದನಿ ಹಿಡಿದಿಡುವುದನ್ನು ಅಲ್ಲೇ ತೋರಿಸಿಕೊಟ್ಟೆ. "ನಡುವ ಬಾಯಿ ಹಾಕಬ್ಯಾಡ್ರಿ. ಮರತ್ರ ನೆನಪು ಮಾಡಿಕೊಡಬ್ಯಾಡ್ರಿ, ಹಂಗೇ ಬಿಡ್ರಿ. ಬರೀವಾಗ ಅವ್ರ ಮಾತು ತಿದ್ದಬ್ಯಾಡ್ರಿ. ಯಾವ ಊರಾಗ, ಯಾರ ಕಡಿಂದ ಕಲ್ತ್ರು ಅನ್ನೂದನ್ನ ಕಡೀಕ ಕೇಳಿ ಬಾಜೂಕ ಬರದಿಡ್ರಿ."

"ಅಮಾಸಿ ಆಗ್ಲಿ, ಶುರು ಮಾಡ್ತೀನಿ," ಎಂದರು. ಅಮಾವಾಸ್ಯೆಗೆ ಕಾಯಬೇಡಿ, ಅತ್ತೆಯವರಿಗೆ ಎಂಬತ್ತು ದಾಟಿದೆಯಲ್ಲ, ಇವತ್ತೇ ಕೂಡಿರಿ ಎಂದು ಹಟ ಹಿಡಿದೆ. ಮಂಜಮ್ಮನ ಪುಸ್ತಕವನ್ನು ಬೇಲಿಯ ಮೇಲಿಂದ ಅವರ ಕೈಗೆ ಕೊಟ್ಟೆ.